ಸುಭೇದಾರರ ಬಂಗಲೆ, ನನ್ನ ಒಂಬತ್ತನೇ ಇಯತ್ತೆ

ಮನೆ ಕಟ್ಟುವ ಜಾಗದಲ್ಲಿ ಇಟ್ಟಂಗಿ ತಡವಾಗಿ ಬರಬಹುದು, ಉಸುಕಿನ ಗಾಡಿ ಬಾರದೇ ಇರಬಹುದು, ಫಜೀತಿ ಮಾತ್ರ ದಿನಾ ಮುಂಜಾನೆ ಏಳಕ್ಕೆ ಹಾಜರ್. ನಾನಾಗಿ ಹುಡುಕಿಕೊಂಡು ಹೋಗುವುದಿಲ್ಲ, ದೇವರಾಣೆ. ಒಂದೊಂದು ಸಲ ಅದಕ್ಕೆ ದಾರಿ ತೋರಿಸಿರಬಹುದು, ಅಷ್ಟೆ.

ಹೋದ ವರ್ಷದ ಮಾತು. ನಮ್ಮಪ್ಪ ಯಾದಗಿರಿ ಕಡೆಯಿಂದ ಪುಣೆಗೆ ಬಂದು ಗೌಂಡಿಯಾಗಿ, ಮೇಸ್ತ್ರಿಯಾಗಿ, ಈಗ ಮನೆ ಕಟ್ಟಿಸುವ ಗುತ್ತಿಗೆ ಹಿಡಿಯುತ್ತಾನೆ. ಪುಣೆಯ ಕೊಂಢವಾದಲ್ಲಿ ಒಂದು ಬಂಗಲೆಯ ಪಾಯ ಮುಗಿಯುವ ಹೊತ್ತಿಗೆ ಬಾರಾಮತಿಯಲ್ಲಿ ಗೋದಾಮು ಕಟ್ಟುವ ಕೆಲಸ ಸಿಕ್ಕಿತು. ಕೆಲಸ ಎರಡು, ಅಪ್ಪ ಒಬ್ಬ. ಉಳಿದವನು ನಾನು. ಹದಿನೇಳು ತುಂಬಿದೆ, ಒಂಬತ್ತನೇ ಇಯತ್ತೆ ಎರಡು ಸಲ ಫೇಲು, ಕೂತಲ್ಲಿ ಕೂಡಲಾರದ ರೋಗ.

ಅಪ್ಪ ಎದುರಿಗೆ ನಿಲ್ಲಿಸಿಕೊಂಡು ಹೇಳಿದ: "ಪಾಯದ ಮ್ಯಾಲಿಂದ ಹಿಡಿದು ಹೊರಗಿನ ಬಣ್ಣದ ತನಕ ನೀ ನೋಡ್ಕೋ. ಮಾಲಕರ ಬಾಯಾಗಿಂದ ಒಂದು ತಕರಾರು ಕೇಳಿದ್ನೆಂದ್ರ ಜೂನದಾಗ ಮತ್ತ ಸಾಲಿ. ಅದೇ ಒಂಬತ್ತನೇ ಇಯತ್ತೆ, ಅದೇ ಬೆಂಚು."

ಎರಡನೇ ಸಲ ಆ ವರ್ಗಕ್ಕೆ ಹೋದಾಗಲೇ ಹೊಸ ಹುಡುಗರು ನನ್ನನ್ನು ಮಾಸ್ತರ ಅಂದುಕೊಂಡು ಎದ್ದು ನಿಂತಿದ್ದರು.

ಮಾಲಕರೆಂದರೆ ದೇಹೂ ರೋಡಿನಲ್ಲಿ ನೌಕರಿ ಮಾಡಿ ನಿವೃತ್ತರಾದ ಮಿಲಿಟರಿ ಸುಭೇದಾರರು. ದಪ್ಪ ಕನ್ನಡಕ, ಅದಕ್ಕಿಂತ ದಪ್ಪ ಮೀಸೆ. ತಕರಾರು ಹೇಳಬೇಕೆಂದರೆ ಎದುರಿನ ಎಸ್‌ಟಿಡಿ ಬೂತಿನ ತನಕ ನಡೆದರೆ ಸಾಕು, ಬಾರಾಮತಿ ಮುಟ್ಟುತ್ತದೆ. ಅವರ ಮಾತು ಮರಾಠಿ, ಸಿಟ್ಟು ಹಿಂದಿ. ನಾನು ಎರಡನ್ನೂ ಇಲ್ಲಿ ನಮ್ಮ ಕನ್ನಡದಲ್ಲೇ ಬರೆದಿದ್ದೇನೆ.

ಹದಿಮೂರನೆಯವ

ಮೊದಲ ದಿನವೇ ಸುಭೇದಾರರು ಎಲ್ಲರನ್ನೂ ಉಸುಕಿನ ಗುಂಪಿಯ ಮುಂದೆ ಸಾಲಾಗಿ ನಿಲ್ಲಿಸಿದರು. ಒಬ್ಬೊಬ್ಬರೂ ತಮ್ಮ ನಂಬರು ಒದರಬೇಕು. ಗೌಂಡಿಗಳು, ಬುಟ್ಟಿ ಹೊರುವ ಅಕ್ಕಂದಿರು, ನಾನು, ಎಲ್ಲಾ ಸೇರಿ ಹನ್ನೆರಡು ಜನ.

ನಾನು ಮೊದಲನೆಯವ. "ಒಂದು" ಅಂದೆ. ಉಳಿದ ಹನ್ನೊಂದು ಮಂದಿ ಒದರುವ ತನಕ ಸುಮ್ಮನೆ ನಿಲ್ಲಬೇಕಲ್ಲ, ಅದು ನನ್ನಿಂದ ಆಗದ ಕೆಲಸ. ಬಗ್ಗಿ ಹಿಂದಿನಿಂದ ಓಡಿ ಸಾಲಿನ ತುದಿಗೆ ನಿಂತು, ದನಿ ದಪ್ಪ ಮಾಡಿ "ಹದಿಮೂರು" ಅಂದೆ. ಸುಭೇದಾರರು ಡೈರಿಯಲ್ಲಿ ಹದಿಮೂರು ಅಂತ ಬರೆದುಕೊಂಡರು.

ಮಧ್ಯಾಹ್ನ ಊಟಕ್ಕೆ ಕೂತಾಗ ಎಣಿಸಿದರು. ಹನ್ನೆರಡು. ಮತ್ತೆ ಎಣಿಸಿದರು. ಹನ್ನೆರಡು. ಶೆಡ್ಡಿನಲ್ಲಿ ನೋಡಿದರು, ಇಟ್ಟಂಗಿ ರಾಶಿಯ ಹಿಂದೆ ನೋಡಿದರು, ನೀರಿನ ಟಾಕಿಯ ಮುಚ್ಚಳ ತೆಗೆದು ಬಗ್ಗಿ ಒಳಗೂ ನೋಡಿದರು. ಸಂಜೆ ನನ್ನನ್ನು ಕರೆದು ಹೇಳಿದರು, "ಆ ಹದಿಮೂರನೆಯವ ದಿನಪೂರ್ತಿ ತಪ್ಪಿಸಿಕೊಂಡಿದ್ದಾನ. ನಾಳೆಯಿಂದ ಬರೋದು ಬ್ಯಾಡ ಅಂತ ಹೇಳು."

"ಹೇಳ್ತೀನ್ರಿ ಸಾಹೇಬ್ರ. ಬಿಲ್ಕುಲ್ ಬರಂಗಿಲ್ಲ ಅವ."

ಮರುದಿನ ಎಣಿಸಿದರೆ ಹನ್ನೆರಡು, ಮಧ್ಯಾಹ್ನವೂ ಹನ್ನೆರಡು, ಸಂಜೆಯೂ ಹನ್ನೆರಡು. ಮೀಸೆ ತಿರುವಿ ನನ್ನ ಬೆನ್ನು ತಟ್ಟಿದರು. "ನೋಡಿದೇನು ಪೋರಾ? ಒಬ್ಬನ್ನ ತೆಗೆದು ಹಾಕಿದ್ರ ಉಳಿದವರೆಲ್ಲ ಹೆಂಗ ಹಾದಿಗೆ ಬರ್ತಾರ!"

ಎಂಜಿನಿಯರ್ ಸಾಹೇಬರ ಇಡ್ಲಿ

ಕಂಬಗಳೆದ್ದವು. ಸ್ಲ್ಯಾಬಿಗೆ ಹಲಗೆ ಹೊಡೆದು ಕಬ್ಬಿಣದ ಸರಳು ಕಟ್ಟಿದ್ದಾಯಿತು. ಸರಳು ಹಲಗೆಗೆ ತಾಗಬಾರದೆಂದು ಕೆಳಗೆ ಅಲ್ಲಲ್ಲಿ ಸಿಮೆಂಟಿನ ಸಣ್ಣ ಬಿಲ್ಲೆ ಇಡುತ್ತೇವೆ. ಎಂಜಿನಿಯರ್ ಬಂದು ಅದನ್ನೆಲ್ಲ ನೋಡಿ ಸಹಿ ಹಾಕಿದ ಮೇಲೆಯೇ ಕಾಂಕ್ರೀಟು.

ಈ ಎಂಜಿನಿಯರ್ ಸಾಹೇಬರಿಗೆ ಒಂದೇ ಚಿಂತೆ. ಸ್ಕೂಟರಿನಿಂದ ಇಳಿಯುವ ಮೊದಲೇ ಕೇಳುವರು, "ನೀವು ಕಾನಡಿ ಮಂದಿ, ಇಡ್ಲಿ ತಂದಿಲ್ಲೇನು?" ನಮ್ಮದು ಜೋಳದ ರೊಟ್ಟಿ, ಪುಂಡಿಪಲ್ಲೆ. ನಮ್ಮಕ್ಕಂದಿರು ಇಡ್ಲಿ ಕಂಡದ್ದೂ ಪುಣೆಯ ಹೋಟೆಲಿನಲ್ಲೇ. ಇದನ್ನು ನಾಲ್ಕು ಸಲ ಹೇಳಿ ನೋಡಿದೆ. ಐದನೇ ಸಲಕ್ಕೆ ಬಟ್ಟಲಿನಲ್ಲಿ ಬಿಳಿ ಸಿಮೆಂಟು ಹಾಕಿ ಎರಡು ದುಂಡನೆ ಬಿಲ್ಲೆ ಮಾಡಿ, ನೀರಲ್ಲಿ ನೆನೆಯಿಟ್ಟೆ. ಅವರು ಬಂದ ದಿನ ಡಬ್ಬಿಯಲ್ಲಿಟ್ಟು, ಮೇಲೆ ಶೇಂಗಾ ಚಟ್ನಿ ಹಾಕಿ ಕೊಟ್ಟೆ.

ಚಮಚ ಒತ್ತಿದರು. ಟಣ್. ಮಗ್ಗಲು ಬದಲಿಸಿ ಒತ್ತಿದರು. ಟಣ್. ಪಕ್ಕದಲ್ಲೇ ಸುಭೇದಾರರು ಕುರ್ಚಿಯಲ್ಲಿದ್ದಾರೆ. ಆ ಹೊತ್ತಿಗೆ ನನಗೆ ಎಸ್‌ಟಿಡಿ ಬೂತಿನ ಹಳದಿ ಬೋರ್ಡು ಬಿಟ್ಟು ಬೇರೇನೂ ಕಾಣುತ್ತಿರಲಿಲ್ಲ.

ಎಂಜಿನಿಯರ್ ಇಡ್ಲಿಯನ್ನು ಎತ್ತಿದರು. ಉಗುರಿನಿಂದ ಕೆರೆದರು. ಡಬ್ಬಿಯ ಅಂಚಿಗೆ ಎರಡು ಸಲ ಕುಟ್ಟಿ ಕಿವಿಗೊಟ್ಟು ಕೇಳಿದರು.

"ಎಷ್ಟು ದಿನ ನೀರಾಗ ಇಟ್ಟಿದ್ದಿ?"

"ಎಂಟು ದಿನ್ರಿ."

"ಗಟ್ಟಿ ಆಗ್ಯಾವ. ಸರಳಿನ ಕೆಳಗ ಇಟ್ಟಿದ್ದೂ ಹಿಂಗ ಅದಾವೇನು?"

"ಹೌದ್ರಿ ಸಾಹೇಬ್ರ. ಅವಕ್ಕ ಚಟ್ನಿ ಹಚ್ಚಿಲ್ಲ, ಅಷ್ಟ."

ಮುಖದ ಮೇಲೆ ಒಂದು ಗೆರೆ ಅಲುಗಿಸದೆ ಸಹಿ ಹಾಕಿದರು. ಆಮೇಲೆ ಚಟ್ನಿಯನ್ನು ಬೆರಳಿನಿಂದ ಬಳಿದು ಪೂರ್ತಿ ತಿಂದು, ಎರಡೂ ಇಡ್ಲಿ ಸರಳಿನ ಕೆಳಗೆ ಇಡಿಸಿ ಹೋದರು.

ಬಾಗಿಲು ಎಲ್ಲಿ ಹೋತು

ಹಿತ್ತಲ ಕಡೆಯ ಹೊರಗೋಡೆಗೆ ಇಬ್ಬರು ಗೌಂಡಿಗಳು. ಎಡಗಡೆಯಿಂದ ನಮ್ಮೂರ ಕಾಕಾ, ಬಲಗಡೆಯಿಂದ ಸಾತಾರಾದ ಮಾಮಾ. ಇಬ್ಬರೂ ಒಂದು ಇಟ್ಟಂಗಿ ಇಟ್ಟು ಒಂದು ಬೀಡಿ ಸೇದುವವರು. ನನಗೆ ನೋಡಿ ನೋಡಿ ಅಂಗಾಲು ತುರಿಸತೊಡಗಿತು.

ಕಾಕಾನ ಹತ್ತಿರ ಹೋಗಿ ಹೇಳಿದೆ, "ಕಾಕಾ, ಆ ಮಾಮಾ ಅಂತಾನ, ನಿನ್ನ ಕೈ ಇಷ್ಟು ಸಾವಕಾಶ ಅದ ಅಂದ್ರ ಸಿಮೆಂಟು ಬುಟ್ಟಿಯಾಗೇ ಗಟ್ಟಿ ಆಗ್ತದಂತ."

"ಯಾರು, ಅವ? ಅವ ಕಟ್ಟಿದ ಗೋಡಿ ನೋಡಿದ್ರ ಹಾವಿಗೂ ನಾಚಿಕಿ ಬರ್ತದ!"

ಮಾಮಾನಿಗೆ ಇದನ್ನು ಮುಟ್ಟಿಸಿದೆ, ಸ್ವಲ್ಪ ಉಪ್ಪು ಖಾರ ಹಚ್ಚಿ. ಬೀಡಿ ಆರಿದವು. ಇಟ್ಟಂಗಿ ಹೊತ್ತು ಹೊತ್ತು ಅಕ್ಕಂದಿರ ಉಸಿರು ಮೇಲಕ್ಕೆ ಬಂತು. ಎರಡು ದಿನದ ಗೋಡೆ ಸಂಜೆ ನಾಲ್ಕಕ್ಕೆ ಆಳೆತ್ತರ ಎದ್ದು ನಡುವೆ ಕೂಡಿಕೊಂಡಿತು. ನಾನು ಚಪ್ಪಾಳೆ ಹೊಡೆಯುತ್ತಿದ್ದೆ. ಬುಟ್ಟಿ ಹೊತ್ತು ಒಳಗೆ ಹೋಗಲು ಬಂದ ಅಕ್ಕ ಗೋಡೆ ಮುಂದೆ ನಿಂತು ಕೇಳಿದಳು, "ತಮ್ಮಾ, ಹಿತ್ತಲ ಬಾಗಲ ಎಲ್ಲಿ ಹೋತೋ?"

ಸುಭೇದಾರರು ಐದಕ್ಕೆ ಬರುವವರು. ಒಡೀರಪ್ಪಾ ಅಂದರೆ ಒಬ್ಬರೂ ಒಪ್ಪಲೊಲ್ಲರು. ಬಾಗಿಲ ಜಾಗಕ್ಕೆ ಬಂದದ್ದು ಅವನ ಇಟ್ಟಂಗಿ ಅಂತ ಇವ, ಇವನದು ಅಂತ ಅವ.

ಮತ್ತೆ ಕಾಕಾನ ಕಿವಿಗೆ ಬಾಯಿಟ್ಟೆ. "ಒಡೆಯೋದ್ರಾಗ ನನ್ನ ಮುಂದ ಅವ ಯಾತರವ ಅಂತಾನ ಮಾಮಾ." ಮಾಮಾನಿಗೂ ಅದನ್ನೇ ಹೇಳಿದೆ. ಹತ್ತು ನಿಮಿಷದಲ್ಲಿ ಬಾಗಿಲು ಬಾಯಿ ಬಿಟ್ಟಿತು. ಎರಡೂ ಕಡೆ ಅರ್ಧ ಇಟ್ಟಂಗಿಗಳು ಹಲ್ಲಿನ ಹಾಗೆ ಹೊರಗೆ ಚಾಚಿಕೊಂಡಿದ್ದವು.

ಸುಭೇದಾರರು ಅದರ ಮುಂದೆ ಭಾಳ ಹೊತ್ತು ನಿಂತರು. "ಇದೇನು ಹಿಂಗ?"

"ಡಿಸೈನ್ ರೀ ಸಾಹೇಬ್ರ. ಹೊಸಾದು."

ಇನ್ನೊಂದಿಷ್ಟು ಹೊತ್ತು ನೋಡಿ ತಲೆದೂಗಿದರು. "ಭಾಳ ಛಂದ ಅದ. ಮುಂದಿನ ಬಾಗಿಲಕ್ಕೂ ಹಿಂಗ ಮಾಡ್ರಿ."

ಟೆರೇಸಿನ ಮೇಲೆ ಇನ್‌ಸ್ಪೆಕ್ಷನ್

ಹೊರಗೋಡೆಗೆ ಸಿಮೆಂಟು ಮೆತ್ತುವ ಗಿಲಾವ ಮುಗಿಯಿತು, ಬಣ್ಣವೂ ಮುಗಿಯಿತು. ಉಳಿದದ್ದು ಮೇಲಿನ ಟೆರೇಸಿಗೆ ಹತ್ತುವ ಕಬ್ಬಿಣದ ಮೆಟ್ಟಿಲು. ಅದು ಮನೆಯ ಹೊರಗೆ, ಹಿತ್ತಲಲ್ಲಿ ಬರಬೇಕು; ಒಳಗಿನಿಂದ ದಾರಿ ಇಲ್ಲ. ಮಾಡುವವ ಮೂರು ವಾರದಿಂದ "ನಾಳೆ" ಅನ್ನುತ್ತಿದ್ದ. ಯಾರಿಗೂ ಅದರ ಚಿಂತೆ ಇರಲಿಲ್ಲ. ಗಿಲಾವಕ್ಕೆಂದು ಗೋಡೆ ಸುತ್ತ ಬಿದಿರಿನ ಪರಾಂಚಿ ಕಟ್ಟಿದ್ದೆವಲ್ಲ, ಎಲ್ಲರೂ ಅದನ್ನೇ ಹಿಡಿದು ಹತ್ತುವುದು, ಇಳಿಯುವುದು.

ಆ ರವಿವಾರ ಅಪ್ಪ ಕಡೆಯ ಸಲ ನೋಡಲು ಬರುವವನಿದ್ದ. ಮಾಲಕರನ್ನು ಎದುರಿಗೇ ಕೇಳುತ್ತಾನಂತೆ. ಅವರು ಸರಿ ಅಂದರೆ ನನ್ನ ಶಾಲೆ ಕಾಯಮ್ ಮುಗಿಯಿತು. ಮುಂಜಾನೆಯಿಂದ ನಾನು ಕೂತರೆ ಏಳಬೇಕು, ಎದ್ದರೆ ತಿರುಗಬೇಕು. ಪರಾಂಚಿ ಸುತ್ತಿಕೊಂಡ ಮನೆ ಪಟ್ಟಿ ಕಟ್ಟಿದ ಪೇಶಂಟಿನ ಹಾಗೆ ಕಾಣುತ್ತಿತ್ತು. ಅಪ್ಪ ಬರುವಷ್ಟರಲ್ಲಿ ಮನೆ ಥಳಥಳ ಅನ್ನಬೇಕು ಅಂತ ನಾಲ್ಕು ಜನರನ್ನು ಹಚ್ಚಿ, ಹಗ್ಗ ಕೊಯ್ಯಿಸಿ, ಬಿದಿರೆಲ್ಲ ಇಳಿಸಿ, ಟೆಂಪೋಕ್ಕೆ ತುಂಬಿ ಕಳಿಸಿಯೇಬಿಟ್ಟೆ. ಆ ನಾಲ್ವರೂ ಅದರಲ್ಲೇ ಹೋದರು. ಗೇಟಿನಲ್ಲಿ ನಿಂತು ಮನೆ ನೋಡಿದೆ. ಏನು ಥಳಕು!

ಮೇಲಿನಿಂದ ದನಿ ಬಂತು. "ಏ ಪೋರಾ! ಪರಾಂಚಿ ಎಲ್ಲಿ?"

ತಲೆ ಎತ್ತಿದರೆ ಟೆರೇಸಿನ ಕಟ್ಟೆಯ ಮೇಲೆ ಮೀಸೆ. ನೀರು ಸರಿಯಾಗಿ ಹರಿಯುತ್ತದೋ ನೋಡಲು ಮುಂಜಾನೆಯೇ ಹತ್ತಿದ್ದಾರೆ, ಪೇಪರ್ ಓದಿದ್ದಾರೆ, ಟಾಕಿಯ ನೆರಳಿಗೆ ಕಣ್ಣು ಹತ್ತಿದೆ.

ಬಾಯಿ ತೆರೆಯುವಷ್ಟರಲ್ಲಿ ಗೇಟಿನಿಂದ ಅಪ್ಪ ಒಳಗೆ ಬಂದ. ಮೇಲೆ ನೋಡಿ ಕೈ ಮುಗಿದ. "ನಮಸ್ಕಾರ್ರೀ ಸಾಹೇಬ್ರ! ಮ್ಯಾಲೆ ಏನ್ ಮಾಡಾಕತ್ತೀರಿ?"

ಮುಗಿಯಿತು ಅಂದುಕೊಂಡೆ. ಆದರೆ ಆಗಲೇ ಪಕ್ಕದ ಮನೆ ಬಾಲ್ಕನಿಗೆ ಒಬ್ಬರು ಚಹಾ ಹಿಡಿದು ಬಂದರು. ಅವರೂ ಮಿಲಿಟರಿಯಿಂದ ನಿವೃತ್ತರು, ಆದರೆ ದರ್ಜೆಯಲ್ಲಿ ಕೆಳಗಿನ ಹವಾಲ್ದಾರರು. ಹವಾಲ್ದಾರ ನೋಡುತ್ತಿರುವಾಗ ಸುಭೇದಾರ ತನ್ನದೇ ಮನೆ ಮೇಲೆ ಸಿಕ್ಕಿಬಿದ್ದೆ ಅಂತ ಹೇಗೆ ಅಂದಾನು? ಎದೆ ಸೆಟೆದು ಒದರಿದರು, "ಇನ್‌ಸ್ಪೆಕ್ಷನ್!"

ಹಿತ್ತಲಲ್ಲಿ ಮೆಟ್ಟಿಲು ಬಂದಿದೆ ಅಂದುಕೊಂಡ ಅಪ್ಪ ಮುಂದಿನ ಗೋಡೆಯೆಲ್ಲ ಕುಟ್ಟಿ ನೋಡಿದ, ಮೂಲೆಗೆ ದಾರ ಕಟ್ಟಿದ ಗುಂಡು ಇಳಿಬಿಟ್ಟು ನೋಡಿದ. "ಗಿಲಾವ ಚಲೋ ಆಗ್ಯಾದಲೇ" ಅಂದ. ಅಷ್ಟು ಛಂದದ ಮಾತು ಅವನ ಬಾಯಿಂದ ನಾನು ಕೇಳಿರಲಿಲ್ಲ. ಆಮೇಲೆ ಕೂಗಿದ, "ಸಾಹೇಬ್ರ, ಕೆಳಗ ಬರ್ರಿ, ಚಾ ಕುಡಿಯೋಣು!"

"ಚಾ ಮೇಲೆ ಕಳಿಸ್ರಿ! ಇನ್‌ಸ್ಪೆಕ್ಷನ್ ಮುಗಿದಿಲ್ಲ!"

ಮೇಲೆ ಬಿದ್ದಿದ್ದ ಹಗ್ಗದ ತುಂಡುಗಳನ್ನು ಗಂಟು ಹಾಕಿ ಇಳಿಬಿಟ್ಟರು. ಚಹಾದ ಕೆಟಲು ಏರಿತು. ಅಪ್ಪ ನನ್ನ ಕಿವಿಯಲ್ಲಿ ಅಂದ, "ಮಿಲಿಟರಿ ಮಂದಿ ನೋಡು. ಕೆಲಸ ಮುಗಿಯೋತನಕ ಇಳಿಯಂಗಿಲ್ಲ. ಕಲಿ."

"ಕಲೀತೀನಪ್ಪಾ."

ಮಧ್ಯಾಹ್ನ ಊಟದ ಡಬ್ಬಿ ಏರಿತು. ಬಿಸಿಲೂ ಏರಿತು. ಸುಭೇದಾರರು ಪೇಪರನ್ನು ಟೊಪ್ಪಿಗೆ ಮಾಡಿಕೊಂಡು ಟೆರೇಸಿನ ಸುತ್ತ ಗಸ್ತು ತಿರುಗತೊಡಗಿದರು. ಹವಾಲ್ದಾರರು ಕುರ್ಚಿ ತಂದು ಹಾಕಿಕೊಂಡು ಕೂತರು. ಏಣಿ ತರಲು ನಾನು ಮೆಲ್ಲಗೆ ಗೇಟಿನ ಕಡೆ ಸರಿದಾಗೆಲ್ಲ ಅಪ್ಪ "ಎಲ್ಲಿ ಹೊಂಟಿ? ಇಲ್ಲೇ ನಿಂದ್ರು" ಅನ್ನುತ್ತಿದ್ದ.

"ಅಪ್ಪಾ, ನಿನ್ನ ಬಸ್ಸು ಹೋಗ್ತದ."

"ಹೋಗ್ಲಿ. ಮಾಲಕರನ್ನ ಒಂದು ಮಾತು ಕೇಳದ ಹೆಂಗ ಹೋಗಲಿ?"

ನಾಲ್ಕು ಗಂಟೆಗೆ ಅಪ್ಪನಿಗೂ ತಾಳ್ಮೆ ತೀರಿತು. ಅಂಗಳದ ನಡುವೆ ನಿಂತು, ಕತ್ತು ಹಿಂದಕ್ಕೆ ಚೆಲ್ಲಿ, ಕೈ ಮುಗಿದು ಕೇಳಿಯೇಬಿಟ್ಟ. "ಸಾಹೇಬ್ರ! ನಮ್ಮ ಹುಡುಗನ ಮ್ಯಾಲ ಏನರ ತಕರಾರು ಅದ ಏನ್ರಿ?"

ಸುಭೇದಾರರು ಗಸ್ತು ನಿಲ್ಲಿಸಿದರು. ಮೊದಲು ಪಕ್ಕದ ಬಾಲ್ಕನಿ ನೋಡಿದರು. ಹವಾಲ್ದಾರರು ಯಾಕೋ ಒಳಗೆ ಎದ್ದು ಹೋಗಿದ್ದರು. ಆಮೇಲೆ ನನ್ನನ್ನು ನೋಡಿದರು, ಅಪ್ಪನನ್ನು ನೋಡಿದರು. ಕಟ್ಟೆಯ ಮೇಲೆ ಬಗ್ಗಿ, ಪೇಪರಿನ ಟೊಪ್ಪಿಗೆ ಸರಿಮಾಡಿಕೊಂಡು, ಮೆಲ್ಲಗೆ ಅಂದರು:

"ತಕರಾರು ಏನೂ ಇಲ್ಲ, ಮೇಸ್ತ್ರಿ. ಏಣಿನೂ ಇಲ್ಲ."