ಹಲ್ಲಿನ ದವಾಖಾನೆಯಲ್ಲಿ ನಾಲ್ಕನೆಯ ಕುರ್ಚಿ

ಕೆಲವರ ಮನೆಗೆ ನೆಂಟರು ಬರುತ್ತಾರೆ, ಕೆಲವರ ಮನೆಗೆ ಇರುವೆಗಳು ಬರುತ್ತವೆ. ನನ್ನ ಪಾಲಿಗೆ ಬರುವುದು ಇಂಥ ಪ್ರಸಂಗಗಳು. ಬಾಗಿಲು ಹಾಕಿಕೊಂಡರೆ ಕಿಟಕಿಯಿಂದಾದರೂ ಬಂದೇ ಬರುತ್ತವೆ.

ನಾನು ದಿಲ್‌ಸುಖ್‌ನಗರದಲ್ಲಿ ಹಲ್ಲಿನ ಡಾಕ್ಟರು. ಕೆಳಗೆ ದವಾಖಾನೆ, ಮೇಲೆ ಮನೆ. ಬೆಳಗಿನಿಂದ ಸಂಜೆಯ ತನಕ ಮಾತಾಡುತ್ತಲೇ ಇರುತ್ತೇನೆ, ಆದರೆ ಎದುರಿಗಿರುವವರು ಉತ್ತರ ಕೊಡುವ ಸ್ಥಿತಿಯಲ್ಲಿರುವುದಿಲ್ಲ. "ಮಗಳ ಮದುವಿ ಎಲ್ಲಿಗೆ ಬಂತ್ರಿ?" ಎಂದರೆ "ಆಆ" ಎನ್ನುತ್ತಾರೆ. "ಹುಡುಗ ಛಲೋ ಅದಾನೇನ್ರಿ?" ಎಂದರೂ "ಆಆ". ಮೇಲೆ ಹೋದರೆ ಗಂಡ ವಕೀಲರು. ಇಡೀ ದಿನ ಕೋರ್ಟಿನಲ್ಲಿ ಮಾತಾಡಿ ಬಂದವರು ಮನೆಯಲ್ಲಿ ಬಾಯಿ ತೆರೆಯುವುದು ಊಟಕ್ಕೆ ಮಾತ್ರ. ನನಗೋ ಒಂದು ಕಡೆ ಕೂತಿರಲಾಗದ ಸ್ವಭಾವ. ಭಾನುವಾರ ಬಂತೆಂದರೆ ಪಡಸಾಲೆಯಿಂದ ಅಡುಗೆಮನೆ, ಅಡುಗೆಮನೆಯಿಂದ ಬಾಲ್ಕನಿ, ಬಾಲ್ಕನಿಯಿಂದ ಮತ್ತೆ ಪಡಸಾಲೆ. ನಾಲ್ಕು ಜನ ಕೂಡಿ ಕೂತು ನಕ್ಕಿದ್ದು ಯಾವಾಗ ಎಂದು ನೆನಪು ಮಾಡಿಕೊಳ್ಳಲು ಹೋದರೆ ನೆನಪೇ ಆಗುತ್ತಿರಲಿಲ್ಲ. ಆಗ ನಿಜಕ್ಕೂ ಸಂಕಟವಾಗುತ್ತಿತ್ತು.

ಅಂಥ ಒಂದು ಭಾನುವಾರ ಗಂಡನೇ ಹೇಳಿದರು, "ನೀ ಹಿಂಗ ತಿರಗಿದರ ಟೈಲ್ಸ್ ಸವದು ಹೋಗ್ತಾವ. ಎಲ್ಲ್ಯಾರ ಹೋಗಿ ಬಾ."

ಹೋದೆ.

ಡಬ್ಬಿ

ಅಬಿಡ್ಸ್‌ನಲ್ಲಿ ನನಗೆ ಗೊತ್ತಿರುವ ಒಂದು ಪುಸ್ತಕದಂಗಡಿ ಇದೆ. ಮಾಲೀಕರು ಬೀದರ್ ಕಡೆಯವರು. ಹುರಿ ಮೀಸೆ, ಗಟ್ಟಿ ದನಿ, ಆರಡಿ ಆಳು. ಅವರ ಒಂದು ದವಡೆ ಹಲ್ಲು ಅರ್ಧ ಕೊಳೆತಿದೆ. ಕೀಳಿಸಲೆಂದು ಎಷ್ಟೋ ಸಲ ನನ್ನಲ್ಲಿಗೆ ಬಂದಿದ್ದಾರೆ. ಪ್ರತಿ ಸಲವೂ ಒಳಗಿನ ಯಂತ್ರದ ಸದ್ದು ಕೇಳಿ, ಹೊರಗಿನ ಕೋಣೆಯಿಂದಲೇ ಚಪ್ಪಲಿ ಮೆಟ್ಟಿದ್ದಾರೆ. ಅವತ್ತು ನನ್ನನ್ನು ಕಂಡ ಕೂಡಲೇ ಅವರ ಕೈ ಕೆನ್ನೆಗೆ ಹೋಯಿತು.

"ಓದಾಕ ಏನರ ಕೊಡ್ರಿ," ಎಂದೆ.

"ನಿಮಗ ಬುಕ್ ಬ್ಯಾಡ್ರಿ ಡಾಕ್ಟರ್. ಬುಕ್ ಓದಬೇಕಂದ್ರ ಕೂಡಬೇಕಾಗ್ತದ. ನೀವು ಬಂದಾಗಿಂದ ಅಂಗಡಿ ಸುತ್ತು ಹೊಡೀಲಕತ್ತೀರಿ." ಒಂದು ದೊಡ್ಡ ಡಬ್ಬಿ ಇಳಿಸಿದರು. ಮುಚ್ಚಳದ ಮೇಲೆ ಒಂದು ದ್ವೀಪದ ಚಿತ್ರ. "ನಾಕು ಮಂದಿ ಕೂಡಿ ಆಡೋ ಆಟ. ಭಾಳ ಮಜಾ ಅದ."

"ನೀವು ಆಡೀರೇನು?"

"ನಾ ಯಾಕ ಆಡ್ಲಿ? ನಾ ಮಾರಾಂವ."

ಬೆಲೆ ಕೇಳಿ ಬೆಚ್ಚಿದೆ. ಸುಮ್ಮನೆ ಮಾತಿಗೆಂದು, "ಹಲ್ಲು ಹೆಂಗೈತ್ರಿ?" ಎಂದೆ. ಅವರು ಗಾಬರಿಯಾಗಿ, "ಹಲ್ಲಿನ ಮಾತು ಬ್ಯಾಡ್ರಿ, ಹತ್ತು ಪರ್ಸೆಂಟ್ ಕಮ್ಮಿ ಮಾಡ್ತೀನಿ," ಎಂದರು. ನಾನು ಇನ್ನೂ ನಾಲ್ಕು ಹಲ್ಲುಗಳ ಕ್ಷೇಮ ವಿಚಾರಿಸಿ ಡಬ್ಬಿಯನ್ನು ಅರ್ಧ ಬೆಲೆಗೆ ತಂದೆ.

ಕಾಯಿದೆ

ದುಂಡು ಮೇಜು, ಸಾಕಷ್ಟು ಕುರ್ಚಿ ಎರಡೂ ಇರುವುದು ದವಾಖಾನೆಯ ಹೊರಗಿನ ಕೋಣೆಯಲ್ಲಿ, ರೋಗಿಗಳು ಕಾಯುವ ಜಾಗದಲ್ಲಿ. ಅಲ್ಲೇ ಆಟದ ಹಲಗೆ ಹಾಸಿದೆ. ಗಂಡನನ್ನು ಎಳೆದು ತಂದೆ. ಎರಡನೆಯ ಮಹಡಿಯ ಆಂಟಿಯನ್ನು ಕರೆದೆ. ಅವರು ತೆಲುಗಿನವರು, ಶಾಲೆಯಲ್ಲಿ ಲೆಕ್ಕ ಕಲಿಸಿ ರಿಟೈರ್ ಆದವರು. ಅರ್ಧ ತೆಲುಗು, ಅರ್ಧ ಹಿಂದಿಯಲ್ಲಿ ನಮ್ಮ ವ್ಯವಹಾರ. ಬರುವಾಗ ತಟ್ಟೆ ತುಂಬ ಮುರುಕು ತಂದರು.

ನಿಯಮದ ಪುಸ್ತಕ ಗಂಡನ ಕೈಗೆ ಕೊಟ್ಟಿದ್ದು ತಪ್ಪಾಯಿತು. ಕನ್ನಡಕ ಏರಿಸಿ ಮೊದಲ ಪುಟದಲ್ಲೇ ನಿಂತರು. "ಆಟಗಾರ ಅಂದರ ಯಾರು, ಇದರಾಗ ವ್ಯಾಖ್ಯಾನನ ಇಲ್ಲ."

"ನಾವರೀ. ಮುಂದ ಓದ್ರಿ."

ಈ ಆಟದಲ್ಲಿ ಒಂದು ಕರಿಯ ಕಳ್ಳನ ಗೊಂಬೆ ಇದೆ. ದಾಳದಲ್ಲಿ ಏಳು ಬಿದ್ದರೆ ಅವನು ಯಾರದಾದರೂ ಹೊಲಕ್ಕೆ ಬಂದು ಗೋಧಿಯದೋ ಇಟ್ಟಿಗೆಯದೋ ಒಂದು ಕಾರ್ಡ್ ಒಯ್ಯುತ್ತಾನೆ. ಗಂಡ ಅಲ್ಲಿ ಬಂದು ಸಿಕ್ಕಿಕೊಂಡರು. "ನೋಟೀಸು ಕೊಡದ ಹೆಂಗ ಒಯ್ತಾನ?" ಅವರು ನಾಲ್ಕನೆಯ ಪುಟ ಮುಟ್ಟುವ ಹೊತ್ತಿಗೆ ಮುರುಕು ಮುಗಿದಿತ್ತು, ಆಂಟಿ ತೂಕಡಿಸುತ್ತಿದ್ದರು. ನನಗೆ ತಡೆಯಲಾಗದೆ ದಾಳ ಎಸೆದೇಬಿಟ್ಟೆ. ಕೆಲವೇ ಸುತ್ತಿನಲ್ಲಿ ಗಂಡನಿಗೆ ಏಳು ಬಿತ್ತು. ಕಳ್ಳನನ್ನು ನೆಟ್ಟಗೆ ತಂದು ನನ್ನ ಗೋಧಿ ಹೊಲದಲ್ಲಿ ಇಟ್ಟರು.

"ನಂದ ಹೊಲಾನ ಬೇಕಾಗಿತ್ತೇನು?" ಎಂದೆ.

"ನನ್ನ ಕಕ್ಷಿದಾರ ಹಸದಿದ್ದ," ಎಂದು ಎದ್ದು ನಿಂತು, ಬಡತನದಿಂದ ಹಿಡಿದು ಬರಗಾಲದವರೆಗೆ ಕಳ್ಳನ ಪರ ವಾದ ಮಂಡಿಸಿದರು. ಇಪ್ಪತ್ತೆರಡು ವರ್ಷದ ಸಂಸಾರದಲ್ಲಿ ನನ್ನ ಪರವಾಗಿ ಒಂದು ದಿನವೂ ಹಾಗೆ ವಾದಿಸಿದವರಲ್ಲ.

ಯಾರ ಆಟ

ಲೆಕ್ಕದ ಟೀಚರ್ ಆದ್ದರಿಂದ ಆಂಟಿ ಯೋಚಿಸಿ ಆಡುತ್ತಾರೆ. ಯೋಚಿಸಲಿ, ಬೇಡ ಎನ್ನುವುದಿಲ್ಲ. ಆದರೆ ಹಲಗೆಯ ಮೇಲೆ ಒಂದು ಪುಟ್ಟ ಮನೆ ಇಡಲು ಅವರು ತೆಗೆದುಕೊಳ್ಳುವ ಹೊತ್ತಿನಲ್ಲಿ ದಿಲ್‌ಸುಖ್‌ನಗರದಲ್ಲಿ ಒಂದು ಕೋಚಿಂಗ್ ಸೆಂಟರ್ ಎದ್ದು ನಿಲ್ಲುತ್ತದೆ.

ಒಂದು ಭಾನುವಾರ ಅವರ ಕೈ ಹಲಗೆಯ ಮೇಲೆ ತೇಲುತ್ತಲೇ ಇತ್ತು. ನಾನು ಎದ್ದು ಮೇಲೆ ಹೋಗಿ ಕುಕ್ಕರ್ ಇಟ್ಟು ಬಂದೆ. ಅವರು ಹಲಗೆಯನ್ನೇ ನೋಡುತ್ತಿದ್ದರು. ತಾರಸಿಗೆ ಹೋಗಿ ಒಣಗಿದ ಬಟ್ಟೆ ತಂದೆ. ಆಗಲೂ ನೋಡುತ್ತಿದ್ದರು. ಬಟ್ಟೆ ಮಡಿಚಿದೆ, ಕುಕ್ಕರ್ ಇಳಿಸಿದೆ, ನಾಳೆಗೆ ಬೇಕಾದ ಹಲ್ಲು ಕೀಳುವ ಸಾಮಾನು ಬಿಸಿನೀರಿಗೆ ಹಾಕಿದೆ, ಬಾಗಿಲಲ್ಲಿ ನಿಂತು ಇಣುಕಿದೆ. ಈಗ ಗಂಡನೂ ಕೈಕಟ್ಟಿ ಹಲಗೆ ನೋಡುತ್ತಿದ್ದರು.

ತಲೆ ಕೆಟ್ಟುಹೋಯಿತು. "ಆಂಟಿ, ಒಂದು ಮನೆ ಕಟ್ಟಲು ಎಷ್ಟು ಯೋಚನೆ ಮಾಡುತ್ತೀರಿ? ನಿಜವಾದ ಮನೆ ಕಟ್ಟುವವರೂ ಇಷ್ಟು ಯೋಚಿಸುವುದಿಲ್ಲ," ಎಂದು ಹಿಂದಿಯಲ್ಲಿ ಅಂದೇಬಿಟ್ಟೆ.

ಆಂಟಿ ಮೆಲ್ಲಗೆ ತಲೆ ಎತ್ತಿದರು. ಗಂಡ ಹೇಳಿದರು, "ಅವರು ಆಗಲೇ ಆಡ್ಯಾರ. ನೀ ಕುಕ್ಕರ್ ಇಟ್ಟು ಬಂದಾಗಿಂದ ನಾವಿಬ್ಬರೂ ನಿನ್ನ ಆಟಕ್ಕ ಕಾಯಾಕತ್ತೀವಿ."

ದೀಪ ಹಚ್ಚಿದ ಮೇಲೆ

ಮೂವರಿಗೆ ಆಟ ನಡೆಯುತ್ತಿತ್ತು, ಆದರೆ ರುಚಿ ಇರಲಿಲ್ಲ. ಇದು ಕೊಟ್ಟು ತೆಗೆದುಕೊಳ್ಳುವ ಆಟ. ಒಬ್ಬರ ಹೊಲದಲ್ಲಿ ಗೋಧಿ, ಇನ್ನೊಬ್ಬರ ಹತ್ತಿರ ಇಟ್ಟಿಗೆ. ಅದಲು ಬದಲು ಮಾಡಿಕೊಂಡು ಎಲ್ಲರಿಗಿಂತ ಮೊದಲು ಊರು ಕಟ್ಟಿದವರು ಗೆದ್ದಂತೆ. ಮೂವರಲ್ಲಿ ಇಬ್ಬರು ಗಂಡ ಹೆಂಡತಿಯಾದರೆ ಯಾವ ಅದಲು ಬದಲು? ಅಷ್ಟರಲ್ಲಿ ರಾಯಚೂರಿನಿಂದ ಅತ್ತೆ ಬಂದರು. ನಾಲ್ಕನೆಯ ಕುರ್ಚಿ ತುಂಬಿತು. ನನಗೆ ಹಬ್ಬ.

ಅತ್ತೆಗೆ ಕೊಡುವುದಷ್ಟೇ ಗೊತ್ತು, ಬದಲಿಗೆ ಕೇಳುವುದು ಗೊತ್ತಿಲ್ಲ. ಆಂಟಿ ಒಂದು ಗೋಧಿ ಕೇಳಿದರೆ ಎರಡು ಕೊಟ್ಟರು. "ಇರಲಿ ತಗೋರಿ, ನೆರಿಮನಿಯವರ ಕಡಿಂದ ಏನು ತಿರುಗಿ ಇಸಗೊಳ್ಳೋದು?" ತುಂಬಿ ಬಂದ ಬಟ್ಟಲನ್ನು ಖಾಲಿ ತಿರುಗಿ ಕಳಿಸಬಾರದು ಎಂದು ಬೆಳೆದವರು ನಾವು. ಆಂಟಿ ಕರಗಿಹೋಗಿ ಇಟ್ಟಿಗೆ ಕೊಟ್ಟರು. ನಾನು ಕಟ್ಟಿಗೆ ಕೊಟ್ಟೆ. ಗಂಡ ಕಲ್ಲು ಕೊಟ್ಟರು. ಅತ್ತೆ ಬೇಡ ಬೇಡ ಎನ್ನುತ್ತಲೇ ಎಲ್ಲವನ್ನೂ ಸೆರಗಿನ ಮರೆಯಲ್ಲಿ ಜೋಡಿಸಿಕೊಂಡರು.

ಸಂಜೆಯಾಯಿತು. ಅತ್ತೆ ಎದ್ದು ಕೈ ತೊಳೆದು, ಗೋಡೆಯ ದೇವರ ಪಟಕ್ಕೆ ದೀಪ ಹಚ್ಚಿ ಬಂದು ಕೂತರು. ನನಗೆ ಒಂದೇ ಒಂದು ಇಟ್ಟಿಗೆ ಸಿಕ್ಕರೆ ಗೆದ್ದೆ. "ಒಂದು ಇಟ್ಟಂಗಿ ಕೊಡ್ರಿ, ಎರಡು ಕುರಿ ಕೊಡ್ತೀನಿ," ಎಂದೆ.

"ದೀಪಾ ಹಚ್ಚಿದ ಮ್ಯಾಲೆ ಮನ್ಯಾಂದು ಹೊರಗ ಕೊಡಬಾರದವಾ."

"ನಾ ಹೊರಗಿನಾಕಿ ಅಲ್ರಿ, ನಿಮ್ಮ ಸೊಸಿ."

"ಅದಕ್ಕ ತಿಳಿಸಿ ಹೇಳಾಕತ್ತೀನಿ. ಬ್ಯಾರೇದವರಿಗಾದರ ಮುಂಜಾನೆ ಬಾ ಅಂತ ಕಳಿಸ್ತಿದ್ದೆ."

ಆಂಟಿಗೂ ಕೊಡಲಿಲ್ಲ, ಸ್ವಂತ ಮಗನಿಗೂ ಕೊಡಲಿಲ್ಲ. ನಮ್ಮದೇ ಇಟ್ಟಿಗೆ, ನಮ್ಮದೇ ಕಟ್ಟಿಗೆಯಿಂದ ಊರು ಕಟ್ಟಿ ಅತ್ತೆ ಗೆದ್ದರು. ಗಂಡ ನಿಯಮದ ಪುಸ್ತಕ ಹಿಂದೆ ಮುಂದೆ ತಿರುವಿದರು. ದೀಪದ ವಿಷಯ ಎಲ್ಲಿಯೂ ಇರಲಿಲ್ಲ. ಮರುದಿನ ಅತ್ತೆ ಊರಿಗೆ ಹೊರಟು ನಿಂತರು. ಇನ್ನೊಂದು ವಾರ ಇರಿ ಎಂದು ಕಾಲು ಹಿಡಿದರೂ ಕೇಳಲಿಲ್ಲ. "ಗೆದ್ದದ್ದಾತಲ್ಲ, ಇನ್ನೇನ ಐತಿ?"

ವಾಯಿದೆ

ಮತ್ತೆ ಕುರ್ಚಿ ಖಾಲಿ. ಕಾಚಿಗೂಡದಲ್ಲಿರುವ ನನ್ನ ಚಿಕ್ಕಪ್ಪನ ಮಗನನ್ನು ಕರೆದೆ. ನಾಲ್ಕು ಗಂಟೆಗೆ ಫೋನ್ ಮಾಡಿದರೆ "ಹೊಂಟೇನಿ, ದಾರ್‍ಯಾಗ ಅದೀನಿ" ಎಂದ. ಫೋನಿನಲ್ಲಿ ಅವನು ಹಲ್ಲುಜ್ಜುವ ಸದ್ದು ಕೇಳುತ್ತಿತ್ತು. ಹಲ್ಲಿನ ಡಾಕ್ಟರಿಗೆ ಆ ಸದ್ದು ಗೊತ್ತಾಗದೆ ಇರುತ್ತದೆಯೇ? ನಾವು ಡಬ್ಬಿ ಮುಚ್ಚುವ ಹೊತ್ತಿಗೆ ಬಂದು, ಚಹಾ ಕುಡಿದು ಹೋದ. ಹೀಗೇ ಕೆಲವು ವಾರ ಕಳೆದವು. ಕೊನೆಗೆ ಗಂಡ, "ಈ ತಿಂಗಳದಾಗ ನಾಕನೇದವರು ಸಿಗಲಿಲ್ಲಂದ್ರ ಡಬ್ಬಿ ಲಾಫ್ಟ್‌ಗೆ," ಎಂದು ತೀರ್ಪು ಕೊಟ್ಟರು. ನಾನು ನಕ್ಕೆ, ಆದರೆ ಆ ರಾತ್ರಿ ಊಟ ಸೇರಲಿಲ್ಲ. ವಾರವಿಡೀ ನಾನು ಕಾಯುತ್ತಿದ್ದದ್ದು ಆ ಒಂದು ಸಂಜೆಗಾಗಿ.

ಮುಂದಿನ ಭಾನುವಾರ ಗಂಡ ಸೋಲುವುದರಲ್ಲಿದ್ದರು. ಸೋಲು ಕಂಡ ಕೂಡಲೇ ವಕೀಲರು ಮಾಡುವುದನ್ನೇ ಮಾಡಿದರು. "ಕೇಸು ಮುಂದಿನ ವಾರಕ್ಕ ಇಡೋಣ." ಹಲಗೆಯನ್ನು ಹಾಗೇ ಮೇಜಿನ ಮೇಲೆ ಬಿಟ್ಟು ಎದ್ದೆವು. ಸೋಮವಾರದಿಂದ ಶನಿವಾರದ ತನಕ ರೋಗಿಗಳು ಅದರ ಸುತ್ತಲೇ ಕೂತು ಕಾದರು. ನಾನು ಒಳಗಿನ ಕೆಲಸದಲ್ಲಿ ಗಮನಿಸಲಿಲ್ಲ.

ಭಾನುವಾರ ಬಂದು ನೋಡಿದರೆ ದ್ವೀಪದ ತುಂಬ ಬಿಳಿ ಮನೆಗಳು. ನಮ್ಮ ಮೂವರದು ಕೆಂಪು, ನೀಲಿ, ಕಿತ್ತಳೆ. ಬಿಳಿ ಬಣ್ಣ ಖಾಲಿ ಕುರ್ಚಿಯದು. ನೋವಿಗೆ ಸುಮ್ಮನೆ ಕೂಡಲಾಗದೆ, ಬಂದವರೆಲ್ಲ ಒಂದೊಂದು ಕೈ ಆಡಿ ಹೋಗಿದ್ದಾರೆ. ಆಂಟಿ ಕನ್ನಡಕ ಸರಿಮಾಡಿಕೊಂಡು ಎಣಿಸಿ, ಬಿಳಿ ಗೆದ್ದಿದೆ ಎಂದರು.

ಗಂಡ ಹಲಗೆ ನೋಡಿ ಹೇಳಿದರು, "ಹಲ್ಲು ನೂಸುವಾಗ ಮಂದಿ ಇಷ್ಟು ಛಲೋ ಆಡ್ತಾರ. ನೀ ಯಾಕ ಅವರನ್ನ ಆರಾಮ ಮಾಡಿ ಕಳಿಸ್ತಿ?"

ಹಲ್ಲು

ತಿಂಗಳು ಮುಗಿಯಲು ಒಂದು ವಾರವಿತ್ತು. ಬುಧವಾರ ಬೆಳಿಗ್ಗೆ ಅಬಿಡ್ಸ್‌ನ ಅಂಗಡಿಯವರು ಬಂದರು. ಕೆನ್ನೆ ಬಾತು ಮೀಸೆ ಒಂದು ಕಡೆ ಏರಿತ್ತು. ಒಳಗೆ ಬೇರೊಬ್ಬರ ಹಲ್ಲು ಕೊರೆಯುತ್ತಿದ್ದೆ. ಇವರು ವಾಡಿಕೆಯಂತೆ ಚಪ್ಪಲಿ ಹುಡುಕುವಷ್ಟರಲ್ಲಿ, ಮೇಜಿನ ಹತ್ತಿರ ತಮ್ಮ ಮುಂದಿನ ಆಟ ಯೋಚಿಸುತ್ತ ಕೂತಿದ್ದ ಆಂಟಿ ಹಿಡಿದು ಕೂರಿಸಿದರು. ಹಲಗೆಯ ಮೇಲೆ ಹಿಂದಿನ ಭಾನುವಾರ ಅರ್ಧಕ್ಕೆ ನಿಲ್ಲಿಸಿದ ಹೊಸ ವಾಯಿದೆಯ ಆಟವೊಂದು ಬಿದ್ದಿತ್ತು. "ನಿಮ್ಮ ನಂಬರ್ ಬರುವ ತನಕ ವಕೀಲರ ಕೆಂಪು ನೀವು ಆಡಿ," ಎಂದರು. ಅಂಗಡಿಯಲ್ಲಿ ಅಷ್ಟು ಡಬ್ಬಿ ಮಾರಿದ ಮನುಷ್ಯ ಜೀವನದಲ್ಲಿ ಮೊದಲ ಸಲ ದಾಳ ಹಿಡಿದರು.

ನಾನು ಕರೆದಾಗ ಅವರು ಗೆಲ್ಲುತ್ತಿದ್ದರು. "ಒಂದ್ ಮಿನಿಟ್ರಿ," ಎಂದರು. ಮತ್ತೆ ಕರೆದೆ. ಮತ್ತೆ ಒಂದ್ ಮಿನಿಟ್. ಕೊನೆಗೆ ಒಂದು ಕರಾರಿನ ಮೇಲೆ ಒಳಗೆ ಬಂದರು. "ಬಾಗಲಾ ತೆರದಿಡ್ರಿ. ಆ ಟೀಚರಮ್ಮನ ಮ್ಯಾಲೆ ನನಗ ಭರೋಸಾ ಇಲ್ಲ."

ಬಾಗಿಲು ತೆರೆದಿಟ್ಟೆ. ಕುರ್ಚಿಯಲ್ಲಿ ಮಲಗಿ ಕತ್ತು ಹೊರಳಿಸಿ ಹಲಗೆಯನ್ನೇ ನೋಡುತ್ತಿದ್ದರು. ಇಂಜೆಕ್ಷನ್ ಕೊಟ್ಟದ್ದು ಅವರಿಗೆ ತಿಳಿಯಲಿಲ್ಲ. ದವಡೆ ಮರಗಟ್ಟುವ ತನಕ ಕಾಯಬೇಕಲ್ಲ, ಆಗ ಅವರ ಪರವಾಗಿ ನಾನೇ ಓಡಾಡಿದೆ. ಅವರು ಬೆರಳು ತೋರಿಸುವುದು, ನಾನು ಹೊರಗೆ ಹೋಗಿ ಮನೆ ಇಡುವುದು. ಆಂಟಿ ಏನಾದರೂ ಕೇಳುವುದು, ನಾನು ಒಳಗೆ ಬಂದು ಕೇಳುವುದು, ಅವರು ತಲೆ ಅಲ್ಲಾಡಿಸುವುದು. ನನಗೆ ಅಂದು ಬಹಳ ಖುಷಿಯಾಗಿತ್ತು.

ಆಮೇಲೆ ಇಕ್ಕಳ ಹಾಕಿ ಕಿತ್ತೆ. ಇಷ್ಟು ವರ್ಷ ಅವರನ್ನು ಓಡಿಸಿದ ಹಲ್ಲು, ನೋಡಲಿ ಎಂದು ಅವರ ಮುಖದ ಮುಂದೆ ಹಿಡಿದೆ. ಅವರು ಕೈಯಿಂದ ನನ್ನನ್ನು ಪಕ್ಕಕ್ಕೆ ಸರಿಸಿದರು. ಹಲಗೆ ಕಾಣಿಸುತ್ತಿರಲಿಲ್ಲವಂತೆ.

ಅರ್ಧ ತಾಸು ಅರಳೆ ಕಚ್ಚಿಕೊಂಡು ಕೂತು, ಆಡಿ, ಗೆದ್ದು, ಅರಳೆ ತೆಗೆದ ಮೇಲೆ ಕೇಳಿದರು, "ಮುಂದಿನ ಹಲ್ಲು ಯಾವಾಗ ಕೀಳ್ತೀರಿ?"

"ಉಳಿದ ಹಲ್ಲು ಎಲ್ಲಾ ಗಟ್ಟಿ ಅದಾವ್ರಿ."

ಮುಖ ಇಳಿಬಿಟ್ಟರು. "ಹಂಗಾರ ನಾ ಏನಂತ ಬರ್ಲಿ?"

"ಭಾನುವಾರ ನಾಕಕ್ಕ ಬರ್ರಿ. ಒಂದು ಕುರ್ಚಿ ಖಾಲಿ ಐತಿ," ಎಂದೆ.

ಭಾನುವಾರ ಮೂರಕ್ಕೇ ಬಂದರು. ಆದರೆ ಒಳಗಿನ ಕೋಣೆ ಕಂಡ ಕೂಡಲೇ ಕೈ ಮತ್ತೆ ಕೆನ್ನೆಗೆ ಹೋಯಿತು. ಆ ಬಾಗಿಲಿಗೆ ಕೀಲಿ ಹಾಕಿದರೆ ಮಾತ್ರ ಕೂಡುತ್ತೇನೆ ಎಂದರು. ಹಾಕಿದೆ. ನನ್ನ ಮೇಲೂ ಭರೋಸಾ ಸಾಲದೆ ಕೀಲಿಯನ್ನು ಇಸಿದುಕೊಂಡು ತಮ್ಮ ಜುಬ್ಬಾದ ಜೇಬಿಗೆ ಹಾಕಿಕೊಂಡರು. ನಾಲ್ವರೂ ಕೂತು ಗಂಟಲು ನೋಯುವಷ್ಟು ಜಗಳಾಡಿ, ನಕ್ಕು, ಕತ್ತಲಾಗುವ ತನಕ ಆಡಿದೆವು. ಲಾಫ್ಟ್‌ನ ಮಾತು ಗಂಡ ಎತ್ತಲಿಲ್ಲ. ಅಂಗಡಿಯವರು ಮೆಟ್ರೋ ಹಿಡಿದು ಹೋದರು. ಜೇಬಿನಲ್ಲಿ ಕೀಲಿಯೂ ಹೋಯಿತು.

ಸೋಮವಾರ ಬೆಳಿಗ್ಗೆ ರೋಗಿಗಳು ಬಂದರು. ಇನ್ನೊಂದು ಕೀಲಿ ಎಲ್ಲಿದೆ ಎಂದರೆ, ಒಳಗಿನ ಕೋಣೆಯ ಮೇಜಿನ ಡ್ರಾಯರಿನಲ್ಲಿ. ಫೋನ್ ಮಾಡಿದೆ. "ಅಂಗಡಿ ತೆರೆದು ಕಳಿಸ್ತೀನ್ರಿ," ಎಂದರು ಅಬಿಡ್ಸ್‌ನವರು. ಮಾಡುವುದೇನು? ನಾನು, ಹುಳುಕು ಹಲ್ಲಿನ ಒಬ್ಬ ಕಂಡಕ್ಟರು, ಹಲ್ಲಿಗೆ ತಂತಿ ಹಾಕಿಸಿಕೊಂಡ ಒಬ್ಬ ಕಾಲೇಜು ಹುಡುಗಿ, ಒಸಡು ಬಾತ ಒಬ್ಬ ಅಜ್ಜ, ದುಂಡು ಮೇಜಿನ ಸುತ್ತ ಕೂತೆವು. ಕಂಡಕ್ಟರು ಇಟ್ಟಿಗೆ ಕೇಳಿದರೆ ಅಜ್ಜ ಬೈದರು. ಹುಡುಗಿ ಇಬ್ಬರಿಗೂ ಮೋಸ ಮಾಡಿದಳು. ಎಲ್ಲರೂ ಒಟ್ಟಿಗೇ ಮಾತಾಡುತ್ತಿದ್ದರು.

ಕೀಲಿ ಬಂದಾಗ ಹತ್ತೂವರೆ. "ಮೊದಲು ಯಾರು ಬರ್ತೀರಿ?" ಎಂದು ಕೇಳಿದೆ. ಯಾರೂ ಏಳಲಿಲ್ಲ. ಕೆನ್ನೆ ಹಿಡಿದುಕೊಂಡಿದ್ದ ಅಜ್ಜ ತಲೆ ಎತ್ತದೆ ಹೇಳಿದರು, "ಡಾಕ್ಟರ, ಸುಮ್ಮ ಕೂಡ್ರಿ. ನೂಸೂದು ನಮಗ, ಅವಸರ ನಿಮಗ್ಯಾಕ?"