ಬೆಲ್ಟ್ ಬದಲಿಸಿ ಕನ್ಯಾ ನೋಡಲು ಹೋದದ್ದು

ಬಾನೆಟ್ ಎತ್ತಿ ನಿಲ್ಲಿಸಿದ ಗಾಡಿಗೂ ಮದುವೆ ಮನೆಗೂ ಹೆಚ್ಚು ವ್ಯತ್ಯಾಸವಿಲ್ಲ. ಕರೆಯದವರೂ ಬರುತ್ತಾರೆ, ಒಳಗೆ ತಲೆ ಹಾಕುತ್ತಾರೆ, ಒಂದು ಮಾತು ಹೇಳಿಯೇ ಹೋಗುತ್ತಾರೆ. ಗಂಗಾವತಿಯಲ್ಲಿ ನಾನು ಗ್ಯಾರೇಜು ಇಟ್ಟು ಇಪ್ಪತ್ತು ವರ್ಷವಾಯಿತು. ಇಷ್ಟು ದಿನದಲ್ಲಿ ಗಾಡಿಗಳು ಕೊಟ್ಟ ತ್ರಾಸು ಎರಡಾಣೆ, ಗಾಡಿಯ ಜೊತೆ ಬಂದ ಮಂದಿ ಕೊಟ್ಟದ್ದು ಹದಿನಾಲ್ಕಾಣೆ. ಅದರಲ್ಲೂ ಮರಳಿ ಎಂಬ ಹಳ್ಳಿಯ ಒಬ್ಬ ಡ್ರೈವರ್ ಮತ್ತು ಅವನ ಕಾರಿನ ಟೈಮಿಂಗ್ ಬೆಲ್ಟ್ ಕೂಡಿಕೊಂಡು ಕಳೆದ ವರ್ಷ ನನ್ನನ್ನು ಕಾಡಿದ್ದು ನೆನೆದರೆ ಈಗಲೂ ಅಂಗೈ ಬೆವರುತ್ತದೆ. ನಗು ಬರುವುದು ಆಮೇಲೆ.

೧. ಟ್ರ್ಯಾಕ್ಟರಿನ ಹಿಂದೆ ಬಂದ ವರ

ಈ ಡ್ರೈವರಿಗೆ ಸ್ವಂತದ್ದೊಂದು ಹಳೇ ಡೀಸೆಲ್ ಕಾರು. ಪ್ರವಾಸಕ್ಕೆ ಬಂದವರನ್ನು ಸಾಣಾಪುರದ ಕೆರೆ, ಆನೆಗುಂದಿ ಎಂದು ತಿರುಗಿಸುವುದು ಅವನ ಬದುಕು. ವಯಸ್ಸು ಮೂವತ್ನಾಲ್ಕು. ಕನ್ಯಾ ನೋಡಲು ಶುರು ಮಾಡಿ ಏಳು ವರ್ಷವಾಗಿತ್ತು. ಹೊಲ ಎಷ್ಟಿದೆ ಎಂದು ಹುಡುಗಿಯ ಕಡೆಯವರು ಕೇಳಿದರೆ ಅವನು ಬಾಗಿಲಿಗೆ ಬಂದು ಗಾಡಿ ತೋರಿಸುತ್ತಿದ್ದ. ಅದು ಬಿಟ್ಟರೆ ಅವನ ಹತ್ತಿರ ತೋರಿಸಲು ಬೇರೇನೂ ಇರಲಿಲ್ಲ.

ಒಂದು ಸಲ ತಾಯಿಯನ್ನು ಕೂಡಿಸಿಕೊಂಡು ಕುಷ್ಟಗಿ ಹತ್ತಿರದ ಹಳ್ಳಿಗೆ ಕನ್ಯಾ ನೋಡಲು ಹೊರಟ. ಊರು ಇನ್ನೆರಡು ಮೈಲಿ ಇರುವಾಗ ಫ್ಯಾನ್ ಬೆಲ್ಟ್ ಹರಿಯಿತು, ಎಂಜಿನ್ ಕುದಿಯಿತು. ಹೇಳಿದ ಹೊತ್ತಿಗೆ ಹೋಗದಿದ್ದರೆ ಮಾತು ಕೆಡುತ್ತದೆ ಎಂದು ದಾರಿಯಲ್ಲಿ ಹೋಗುತ್ತಿದ್ದ ಒಂದು ಟ್ರ್ಯಾಕ್ಟರಿಗೆ ಹಗ್ಗ ಕಟ್ಟಿಸಿಕೊಂಡು ತನ್ನ ಕಾರಿನಲ್ಲೇ ಕೂತು ಹುಡುಗಿಯ ಮನೆ ಬಾಗಿಲಿಗೆ ಬಂದಿಳಿದ. ಇಡೀ ಓಣಿ ನೋಡಿತು.

ಚಹಾ ಆಯಿತು, ಚೂಡಾ ಆಯಿತು, ಯಾರೂ ಮುಂದಿನ ಮಾತು ಎತ್ತಲಿಲ್ಲ. ಎದ್ದು ಹೊರಟಾಗ ಹುಡುಗಿಯ ಅಜ್ಜಿ ಇವನ ತಾಯಿಯನ್ನು ಮೆಲ್ಲಗೆ ಒಳಗೆ ಕರೆದಳು. ತಾಯಿಗೆ ಜೀವ ಬಂದಂತಾಯಿತು. ಅಜ್ಜಿ ಕೇಳಿದಳು: “ಆ ಟ್ರ್ಯಾಕ್ಟರ್ ಹುಡುಗ ಯಾರ ಪೈಕಿ ಅದಾನವ್ವ? ಮದಿವಿ ಆಗೈತೇನು?”

೨. ಮೆಲ್ಲಕ ಮಾತಾಡ್ರಿ

ಅದಾಗಿ ಎರಡು ತಿಂಗಳಿಗೆ ಯಲಬುರ್ಗಾದಿಂದ ಒಂದು ಸಂಬಂಧ ಬಂತು. ಹುಡುಗಿಯ ತಂದೆ ಸರಕಾರಿ ಬಸ್ಸು ಓಡಿಸಿ ನಿವೃತ್ತರಾದವರು. “ಹುಡುಗ ಬರ್ಲಿ, ಬರೋವಾಗ ಗಾಡಿನೂ ತರ್ಲಿ, ನೋಡೂನು” ಎಂದು ಹೇಳಿ ಕಳಿಸಿದ್ದರು. ಐದು ದಿನ ಉಳಿದಿರುವಾಗ ಡ್ರೈವರ್ ನನ್ನ ಗ್ಯಾರೇಜಿಗೆ ಬಂದ.

“ಉಸ್ತಾದ್, ಇದ ಕಡೀ ಸಂಬಂಧ ಅಂತ ನಮ್ಮವ್ವ ಹೇಳ್ಯಾಳ. ಇದು ತಪ್ಪಿದ್ರ ಇನ್ನ ಯಾರ ಮನಿ ಬಾಗ್ಲಿಗೂ ಬರಂಗಿಲ್ಲಂತ. ಗಾಡಿ ದಾರ್ಯಾಗ ನಿಂದ್ರಬಾರದು, ನೋಡ್ರಿ.”

“ಟೈಮಿಂಗ್ ಬೆಲ್ಟ್ ಯಾವಾಗ ಬದಲಿ ಮಾಡಿಸಿದ್ದಿ?” ಎಂದು ಕೇಳಿದೆ.

“ಮೊನ್ನೆ ಹಾಕಿದ್ರಲ್ರಿ.”

“ಅದು ಫ್ಯಾನ್ ಬೆಲ್ಟ್. ಇದು ಒಳಗಿಂದು.”

ಅವನ ಮುಖ ಸಣ್ಣದಾಯಿತು. “ಒಳಗ ಇನ್ನೊಂದು ಐತೇನ್ರಿ? ಸೆಕೆಂಡ್ ಹ್ಯಾಂಡ್ ತಗೊಂಡು ಆರು ವರ್ಷ ಆತು, ಅದು ಒಂದು ದಿನಾನೂ ತ್ರಾಸ ಕೊಟ್ಟಿಲ್ಲ.”

ಎಲ್ಲರೂ ಹೇಳುವುದು ಇದನ್ನೇ. ಈ ಬೆಲ್ಟಿನ ಗುಣವೇ ಅದು. ಬ್ರೇಕು ಕೆಟ್ಟರೆ ಕಿರುಗುಡುತ್ತದೆ, ಸೈಲೆನ್ಸರ್ ತೂತಾದರೆ ಊರಿಗೆ ಕೇಳುತ್ತದೆ. ಇದು ಮಾತ್ರ ಕಡೇ ಗಳಿಗೆಯ ತನಕ ತುಟಿ ಬಿಚ್ಚುವುದಿಲ್ಲ. ಎಂಜಿನ್ನಿನೊಳಗೆ ಪಿಸ್ಟನ್ ಮೇಲೆ ಬರುವ ಹೊತ್ತಿಗೆ ವಾಲ್ವ್ ಹಿಂದೆ ಸರಿಯಬೇಕು. ಇಬ್ಬರಿಗೂ ಹೊತ್ತು ಹೇಳುವುದು ಈ ಬೆಲ್ಟು. ಓಡುವಾಗ ಅದು ಹರಿದರೆ ಇಬ್ಬರೂ ಮುಖಾಮುಖಿ ಗುದ್ದಿಕೊಂಡು ಎಂಜಿನ್ ಗುಜರಿಗೆ ಹೋಗುತ್ತದೆ.

ಇಷ್ಟು ಹೇಳಿ ಮುಚ್ಚಳ ಬಿಚ್ಚಿ ತೋರಿಸಿದೆ. ಬೆಲ್ಟಿನ ಹಲ್ಲುಗಳ ನಡುವೆ ಅಡ್ಡಡ್ಡ ಬಿರುಕು, ಅಂಚಿನಲ್ಲಿ ನೂಲು ಬಿಚ್ಚಿಕೊಂಡು ಜೋತಾಡುತ್ತಿತ್ತು. “ಯಲಬುರ್ಗಾ ದೂರ ಉಳೀತು, ಇದು ಕೊಪ್ಪಳ ಸುದ್ದಾ ಮುಟ್ಟತಿದ್ದಿಲ್ಲ” ಎಂದು ಸ್ವಲ್ಪ ಜೋರಾಗಿಯೇ ಅಂದೆ.

ಡ್ರೈವರ್ ಎರಡು ಹೆಜ್ಜೆ ಹಿಂದೆ ಸರಿದು ಬಾಯಿಗೆ ಬೆರಳಿಟ್ಟ.

“ಉಸ್ತಾದ್, ಅದರ ಮುಂದ ಮೆಲ್ಲಕ ಮಾತಾಡ್ರಿ.”

೩. ಅಮಾವಾಸ್ಯೆಯ ಪೂಜೆ

ಮಾರನೇ ದಿನ ಕೆಲಸಕ್ಕೆ ಕೈ ಹಾಕಿದೆ. ಅಂದು ಅಮಾವಾಸ್ಯೆ, ಗಾಡಿ ಪೂಜೆಯ ದಿನ ಎನ್ನುವುದು ನನ್ನ ಲೆಕ್ಕದಲ್ಲಿರಲಿಲ್ಲ. ಹಳೇ ಬೆಲ್ಟ್ ಬಿಚ್ಚುವ ಮೊದಲು ಅದು ಸುತ್ತಿಕೊಂಡಿದ್ದ ಎಂಜಿನ್ನಿನ ಹಲ್ಲುಗಾಲಿಗಳಲ್ಲಿ ಮೇಲಿನದಕ್ಕೊಂದು, ಕೆಳಗಿನದಕ್ಕೊಂದು ಸುಣ್ಣದ ಗುರುತು ಹಾಕಿದೆ. ನನಗೆ ಕೆಲಸ ಕಲಿಸಿದವರು ಹಾಗೇ ಮಾಡುತ್ತಿದ್ದರು. ಎಲೆ ತಿನ್ನುವವನ ಚಂಚಿಯಲ್ಲಿ ಸುಣ್ಣ ಇದ್ದೇ ಇರುತ್ತದೆ. ಹೊಸ ಬೆಲ್ಟ್ ಕೂಡಿಸುವಾಗ ಎರಡೂ ಗುರುತು ಇದ್ದಲ್ಲೇ ಇದ್ದರೆ ಗೆದ್ದಂತೆ. ಒಂದು ಹಲ್ಲು ಆಚೀಚೆಯಾದರೆ ಗಾಡಿ ಚಾಲೂ ಆಗಲು ಸತಾಯಿಸುತ್ತದೆ. ಮೂರ್ನಾಲ್ಕು ಹಲ್ಲು ತಪ್ಪಿದರೆ ಒಳಗೆ ಗುದ್ದಾಟವೇ.

ಹಳೇ ಬೆಲ್ಟ್ ತೆಗೆದಿಟ್ಟು ಹೊಸದನ್ನು ತರಲು ಅಂಗಡಿಗೆ ಹೋದೆ. ಕಾಲು ತಾಸಿನಲ್ಲಿ ವಾಪಸ್ಸು ಬಂದರೆ ಗ್ಯಾರೇಜಿನಲ್ಲಿ ಊದಿನಕಡ್ಡಿಯ ವಾಸನೆ. ಡ್ರೈವರನ ತಾಯಿ ಮಗನ ಜೊತೆ ಬಾನೆಟ್ಟಿನ ಮುಂದೆ ಕೈ ಮುಗಿದು ನಿಂತಿದ್ದಳು. ಬಿಚ್ಚಿದ ಎಂಜಿನ್ನಿನ ಒಂದೊಂದು ಗಾಲಿಗೂ ಮೂರೆಳೆ ವಿಭೂತಿ, ನಡುವೆ ಕುಂಕುಮ. ನನ್ನ ಸುಣ್ಣದ ಗುರುತು ಎಲ್ಲೂ ಇರಲಿಲ್ಲ.

“ಯವ್ವಾ, ಇಲ್ಲಿ ಬಿಳೀ ಗುರುತು ಇತ್ತಲ್ಲ?”

“ಹಾಂ ತಮ್ಮಾ, ಯಾರೋ ಸುಣ್ಣ ಒರಸಿದ್ರು. ಹಸೀ ಅರಿವಿ ತಗೊಂಡು ಎಲ್ಲಾ ಸ್ವಚ್ಛ ಮಾಡೀನಿ. ಒಳಗೆಲ್ಲಾ ಎಂಥಾ ಜಿಡ್ಡಪ್ಪಾ ಅದು.”

ನಾನು ಗಾಲಿಗಳ ಮೇಲೆ ಬಾಗಿದೆ. “ಯಾವುದನ್ನರ ತಿರುವೀಯೇನು?”

“ಒಂದೀಟ ತಿರುವೀನಿ. ಹಿಂದಿನ ಕಡೆಗೂ ಕುಂಕುಮ ಹಚ್ಚಬೇಕಲ್ಲ?”

“ಯಾವ ಗಾಲಿ?”

ಆಕೆ ಒಂದು ಗಾಲಿ ಮುಟ್ಟಿದಳು. ಅದು ಬೆಲ್ಟನ್ನು ಬಿಗಿ ಹಿಡಿಯುವ ಬಿಡಿ ಗಾಲಿ, ಎಷ್ಟು ತಿರುಗಿದರೂ ಬಾಧಕವಿಲ್ಲ. ನಾನು ಉಸಿರು ಬಿಡುವಷ್ಟರಲ್ಲಿ ಆಕೆ ತಲೆ ಅಲ್ಲಾಡಿಸಿ, “ಅಲ್ಲಲ್ಲ, ಇದು” ಎಂದು ಮೇಲಿನ ದೊಡ್ಡ ಗಾಲಿ ಮುಟ್ಟಿದಳು. ಮತ್ತೆ ಸ್ವಲ್ಪ ಯೋಚಿಸಿ, “ಎರಡೂ ಇರಬೇಕು” ಎಂದಳು.

ಸಿಟ್ಟು ನೆತ್ತಿಗೇರಿತ್ತು, ಆದರೆ ದೇವರ ಹೆಸರು ಹೇಳುತ್ತಿರುವ ಹೆಣ್ಣುಮಗಳಿಗೆ ಏನೆನ್ನುವುದು? ಕೆಳಗಿನ ಗಾಲಿಯ ಮೇಲೆ ಕಂಪನಿಯ ಗುರುತು ಸ್ಪಷ್ಟವಾಗಿತ್ತು; ಟಾರ್ಚ್ ಹಿಡಿದು ಮೇಲಿನ ಗಾಲಿಯ ಅಂಚಿಗೆ ಕಣ್ಣು ಹಚ್ಚಿ ಹುಡುಕಿದೆ. ಕಂಪನಿಯವರು ಕೊರೆದ ಸಣ್ಣ ಗೀರು ಸಿಕ್ಕಿತು. ಅದರ ಪಕ್ಕಕ್ಕೆ ಒಂದೇ ಹಲ್ಲಿನ ದೂರದಲ್ಲಿ ಇನ್ನೊಂದು ಗೀರೂ ಸಿಕ್ಕಿತು. ಹಿಂದೆ ಯಾವನೋ ಮಿಸ್ತ್ರಿ ಅರದಿಂದ ಉಜ್ಜಿ ತನ್ನದೊಂದು ಗುರುತು ಮಾಡಿಟ್ಟಿದ್ದ. ಯಾವುದು ಕಂಪನಿಯದು, ಯಾವುದು ಅವನದು? ಅರ್ಧ ತಾಸು ನೋಡಿ ನೋಡಿ, ಹೆಚ್ಚು ನೇರವಾಗಿದ್ದದ್ದನ್ನು ನಂಬಿ ಬೆಲ್ಟ್ ಕೂಡಿಸಿದೆ.

ಕೀಲಿ ತಿರುವುವ ಮೊದಲು ನಟ್ಟು ಬಿಚ್ಚುವ ಪಾನಾ ಹಾಕಿ ಎಂಜಿನ್ನನ್ನು ಕೈಯಿಂದ ಎರಡು ಸುತ್ತು ತಿರುಗಿಸಬೇಕು. ಒಳಗೆ ಎಲ್ಲಾದರೂ ತಾಗಿದರೆ ಕೈಗೆ ಗೊತ್ತಾಗುತ್ತದೆ. ನಾನು ಬಿಸ್ಮಿಲ್ಲಾ ಎಂದೆ, ಆಕೆ ಹೇಮಗುಡ್ಡದ ದುರ್ಗವ್ವನನ್ನು ಕರೆದಳು, ಡ್ರೈವರ್ ಕಣ್ಣು ಮುಚ್ಚಿಕೊಂಡ. ಒಂದು ಸುತ್ತು. ಎರಡು ಸುತ್ತು. ಎಲ್ಲೂ ತಾಗಲಿಲ್ಲ. ಕೀಲಿ ತಿರುವಿದೆ, ಗಾಡಿ ಚಾಲೂ ಆಯಿತು.

ಆಗ ಮಾತ್ರ ನಾನು ಬಾಯಿಬಿಟ್ಟು ಬೈದೆ. “ಯವ್ವಾ, ನೀ ಒರಸಿದ್ದಕ್ಕ ಇವತ್ತು ನನ್ನ ಜೀವ ಹೋಗೋದೊಂದ ಬಾಕಿ ಇತ್ತು.”

ಆಕೆ ಆರತಿ ತಟ್ಟೆ ಎತ್ತಿಕೊಂಡು ಶಾಂತವಾಗಿ ಕೇಳಿದಳು: “ಆ ಜಿಡ್ಡು ನಾ ಒರಸದಿದ್ರ ಆ ಗೀರು ನಿನಗ ಕಾಣತಿತ್ತೇನು?”

೪. ಯಲಬುರ್ಗಾದಲ್ಲಿ ಒಂದೂವರೆ ತಾಸು

ಕೆಲಸ ಮುಗಿಯಿತು, ಅನುಮಾನ ಮುಗಿಯಲಿಲ್ಲ. ಮರುದಿನ ಓಡಿಸಿ ನೋಡಿದಾಗ ಒಮ್ಮೆ, ಒಮ್ಮೆ ಮಾತ್ರ, ಕಾದ ಎಂಜಿನ್ ಎರಡನೇ ಸಲಕ್ಕೆ ಚಾಲೂ ಆಯಿತು. ಬ್ಯಾಟರಿಯ ಕಾರಣಕ್ಕೂ ಹಾಗಾಗಬಹುದು, ತಪ್ಪು ಗೀರು ಹಿಡಿದಿದ್ದರೂ ಆಗಬಹುದು. ಸುಮ್ಮನಿರಬೇಕಿದ್ದ ನಾನು, “ಬಿಸಿ ಇದ್ದಾಗ ಬಂದ್ ಮಾಡಿದ್ರ ಚಾಲೂ ಆಗಾಕ ಸ್ವಲ್ಪ ಸತಾಯಿಸೀತು” ಎಂದುಬಿಟ್ಟೆ. ಅದೇ ತಪ್ಪಾಯಿತು. ಅವನು ನನ್ನ ಕೈ ಹಿಡಿದುಕೊಂಡ. “ಹಂಗಾರ ನೀವೂ ಬರ್ರಿ ಉಸ್ತಾದ್. ಕಾಕಾ ಅಂತ ಹೇಳ್ತೀನಿ.”

ಹೀಗೆ ನಾನು ಹಬ್ಬದ ಬಿಳೀ ಅಂಗಿ ತೊಟ್ಟು ಕನ್ಯಾ ನೋಡಲು ಹೊರಟೆ. ಹಿಂದಿನ ಸೀಟಿನಲ್ಲಿ ತಾಯಿ. ಕೊಪ್ಪಳ ದಾಟಿತು, ಕುಕನೂರು ದಾಟಿತು, ನಾನು ಎಂಜಿನ್ನಿನ ಸಪ್ಪಳವನ್ನೇ ಕೇಳುತ್ತಿದ್ದೆ. ಗಾಡಿ ಸರಾಗವಾಗಿ ಓಡಿ ಯಲಬುರ್ಗಾದ ಮನೆ ಮುಂದೆ ನಿಂತಿತು. ಡ್ರೈವರ್ ಕೆಳಗಿಳಿದ. ಎಂಜಿನ್ ಬಂದ್ ಮಾಡಲಿಲ್ಲ.

“ಬಂದ್ ಮಾಡೋ” ಎಂದು ಪಿಸುಗುಟ್ಟಿದೆ.

“ಚಾಲೂ ಆಗದಿದ್ರ?” ಎಂದ.

ನಾನು ಗಾಡಿ ಬಿಟ್ಟು ಬಾಗಿಲ ಕಡೆ ನಡೆದೆ.

ಹುಡುಗಿಯ ತಂದೆ ಕೈ ಕೊಟ್ಟು ಬರಮಾಡಿಕೊಂಡರು. “ಇವ್ರು ನಮ್ಮ ಕಾಕಾರು” ಎಂದು ಡ್ರೈವರ್ ಹೇಳಿದ. ಅವರು ನನ್ನ ಉಗುರು ನೋಡಿದರು. ಇಪ್ಪತ್ತು ವರ್ಷದ ಗ್ರೀಸು ಯಾವ ಸೋಪಿಗೂ ಹೋಗುವಂಥದ್ದಲ್ಲ. ಆಮೇಲೆ ಒಳಗೆ ಕೂಡಿಸಿದರು. ಹೊರಗೆ ಗಾಡಿ ಗುರುಗುಡುತ್ತಲೇ ಇತ್ತು.

ಉಪ್ಪಿಟ್ಟು ಬಂತು. ಪಕ್ಕದ ಮನೆಯವರೊಬ್ಬರು ಬಾಗಿಲಲ್ಲಿ ನಿಂತು, “ನಿಮ್ಮ ಗಾಡಿ ಚಾಲೂ ಐತ್ರಿ” ಎಂದರು. “ಇರ್ಲಿ ಬಿಡ್ರಿ” ಎಂದ ಡ್ರೈವರ್. ಸ್ವಲ್ಪ ಹೊತ್ತಿಗೆ ಇನ್ನೊಬ್ಬರು ಬಂದು ಅದನ್ನೇ ಹೇಳಿದರು. “ಇರ್ಲಿ ಬಿಡ್ರಿ.” ಒಂದು ತಾಸು ದಾಟಿತು. ಹುಡುಗಿಯ ಕಡೆಯ ಹಿರಿಯರು ಒಬ್ಬರ ಮುಖ ಒಬ್ಬರು ನೋಡತೊಡಗಿದರು. ಇವರಿಗೆ ಹೊರಡುವ ಅವಸರವೋ, ಮನೆ ಹಿಡಿಸಲಿಲ್ಲವೋ ಎನ್ನುವಂತಿತ್ತು ಆ ನೋಟ. ಆಗ ತಂದೆ ನನ್ನ ಪಕ್ಕಕ್ಕೆ ಸರಿದು ಕೂತರು.

“ಸಾಬ್ರ, ಮೂವತ್ತು ವರ್ಷ ಬಸ್ ಓಡಿಸೀನಿ. ಸೆಲ್ಫ್ ಹೊಡಿಯದ ಗಾಡೀನ ಯಾರೂ ಬಂದ್ ಮಾಡಂಗಿಲ್ಲ, ಅದು ನನಗ ಗೊತ್ತು. ಕನ್ಯಾ ನೋಡಾಕ ಮೆಕ್ಯಾನಿಕ್‌ನ ಕರಕೊಂಡು ಬಂದೀರಿ. ದೂಡೋ ಗಾಡಿ ಏನ್ರಿ ಇದು?”

“ಛೇ ಛೇ, ಹಂಗೇನಿಲ್ರಿ” ಎಂದೆ. ನನ್ನ ದನಿ ನನಗೇ ಸುಳ್ಳಾಗಿ ಕೇಳಿಸಿತು. ಅವನಿಗೆ ಇದ್ದದ್ದು ಈ ಒಂದು ಗಾಡಿ, ಈ ಒಂದು ಸಂಬಂಧ. ಎರಡನ್ನೂ ನನ್ನ ನಾಲಿಗೆ ಕೆಡಿಸುತ್ತಿದೆ ಎಂದು ನಿಜಕ್ಕೂ ಸಂಕಟವಾಯಿತು.

ಅಷ್ಟರಲ್ಲಿ ಹೊರಗಿನ ಗುರುಗುಡುವಿಕೆ ತಟ್ಟನೆ ನಿಂತಿತು. ನಾನೂ ಡ್ರೈವರನೂ ಒಟ್ಟಿಗೇ ಎದ್ದು ನಿಂತೆವು. ಬೀದಿ ಬಾಗಿಲಿನಿಂದ ಹುಡುಗಿ ಚಹಾದ ತಟ್ಟೆ ಹಿಡಿದು ಒಳಗೆ ಬಂದಳು. ತಟ್ಟೆಯಲ್ಲಿ ಆರು ಕಪ್ ಚಹಾ, ನಡುವೆ ಗಾಡಿಯ ಕೀಲಿ.

“ಒಂದೂವರೆ ತಾಸಾತು, ಡೀಸೆಲ್ ಸುಮ್ನ ಸುಡಾಕತ್ತಿತ್ರಿ” ಎಂದು ಡ್ರೈವರನ ಮುಂದೆ ತಟ್ಟೆ ಹಿಡಿದಳು. ಅವನು ಚಹಾ ತೆಗೆದುಕೊಳ್ಳಲಿಲ್ಲ, ಕೀಲಿಯನ್ನೂ ಮುಟ್ಟಲಿಲ್ಲ.

ತಂದೆ ಎದ್ದರು. “ನಡೀರಿ, ಈಗ ಚಾಲೂ ಮಾಡ್ರಿ, ನೋಡೂನು.”

ಎಲ್ಲರೂ ಹೊರಗೆ ಬಂದೆವು. ಓಣಿಯ ನಾಲ್ಕು ಮಂದಿ ಯಾರೂ ಹೇಳದಿದ್ದರೂ ಅಂಗಿಯ ತೋಳು ಮೇಲೇರಿಸಿ ಗಾಡಿಯ ಹಿಂದೆ ದೂಡಲು ತಯಾರಾಗಿ ನಿಂತರು. ಕಡೆಗೂ ತಟ್ಟೆಯಿಂದ ಕೀಲಿ ಎತ್ತಿ ತಂದಿದ್ದ ಡ್ರೈವರ್ ಅದನ್ನು ನನ್ನ ಕೈಗೆ ಕೊಟ್ಟ. ನಾನು ಅವನಿಗೇ ವಾಪಸ್ಸು ಕೊಟ್ಟೆ. ಅವನು ತಾಯಿಗೆ ಕೊಟ್ಟ. ಆಕೆ ಅದನ್ನು ಕಣ್ಣಿಗೊತ್ತಿಕೊಂಡು, “ರಾಹುಕಾಲ ಮುಗೀಲಿ” ಎಂದಳು.

“ಕೊಡ್ರಿ ಇಲ್ಲೆ” ಎಂದು ತಂದೆ ಕೀಲಿ ಕಸಿದು ಮಗಳ ಕೈಗಿಟ್ಟರು. “ನೀನ ಚಾಲೂ ಮಾಡವ್ವ. ಬಿಸಲಾಗ ನಿಂತೈತಿ, ಅತ್ತಾಗ ಬೇವಿನ ಗಿಡದ ನೆರಳಿಗೂ ಹಚ್ಚು. ಈ ಮಂದಿ ಕೈ ನಡುಗಾಕತ್ತಾವು.”

ಆಕೆ ಸೆರಗು ಸಿಕ್ಕಿಸಿ ಒಳಗೆ ಕೂತಳು, ಮೇಲಿನ ಕನ್ನಡಿ ಸರಿ ಮಾಡಿಕೊಂಡಳು. ಕೀಲಿ ಅರ್ಧ ತಿರುಗಿತೋ ಇಲ್ಲವೋ, ಎಂಜಿನ್ ಗಂಟಲು ಸರಿ ಮಾಡಿಕೊಂಡಂತೆ ಚಾಲೂ ಆಯಿತು. ಒಂದು ಹಲ್ಲೂ ತಪ್ಪಿರಲಿಲ್ಲ. ನನ್ನ ಕಣ್ಣಲ್ಲಿ ನೀರೇ ಬಂತು.

ಹಿಂದೆ ನಿಂತಿದ್ದ ನಾಲ್ವರೂ ಕೈ ತೆಗೆದರು. ಐದನೆಯವನೊಬ್ಬ ಮಾತ್ರ ತೆಗೆಯಲಿಲ್ಲ. ನಮ್ಮ ಡ್ರೈವರ್ ಯಾವಾಗ ಹೋಗಿ ಅವರ ನಡುವೆ ಸೇರಿದ್ದನೋ, ಕಣ್ಣು ಬಿಗಿಯಾಗಿ ಮುಚ್ಚಿ, ಡಿಕ್ಕಿಗೆ ಎರಡೂ ಕೈ ಕೊಟ್ಟು, ಮೈಯ ಭಾರವೆಲ್ಲ ಹಾಕಿ ನಿಂತಿದ್ದ. ಆಕೆ ಗೇರು ಹಾಕಿ ಗಾಡಿ ಮುಂದೆ ಬಿಟ್ಟಳು. ಗಾಡಿ ನೆರಳಿಗೆ ಹೋಯಿತು, ಅವನು ಹೊಸ ಅಂಗಿ ಸಮೇತ ಮಣ್ಣಿನ ಮೇಲೆ ಬೋರಲು ಬಿದ್ದ.

ತಂದೆ ಗಾಡಿಯ ಸುತ್ತ ಒಂದು ಸುತ್ತು ಬಂದು, ಬಾನೆಟ್ ತಟ್ಟಿ ಹೇಳಿದರು: “ಗಾಡಿ ಛಲೋ ಐತ್ರಿ. ಹುಡುಗನ್ನ ಎಬ್ಬಸ್ರಿ, ಈಗ ಅವನ್ನ ನೋಡೂನು.”

ಸ್ಟೇರಿಂಗ್ ಹಿಡಿದು ಕೂತಿದ್ದ ಹುಡುಗಿ ಒಳಗಿನಿಂದಲೇ ಅಂದಳು:

“ನಾ ಕನ್ನಡ್ಯಾಗ ನೋಡೀನಪ್ಪಾ, ಒಪ್ಪಿಗಿ ಐತಿ. ಗಾಡಿ ಕೆಟ್ರ ದೂಡಾಕರ ಬರ್ತೈತಿ ಅವ್ರಿಗೆ.”