ಚಹಾದ ಚರಿತ್ರೆಯೂ ದೊಡ್ಡಪ್ಪನ ಮಜ್ಜಿಗೆಯೂ

ಶಾಲೆ ಬೇಗ ಬಿಟ್ಟವನಿಗೆ ಒಂದು ಅನುಕೂಲವಿದೆ. ಯಾವ ಚರಿತ್ರೆ ನಿಜ, ಯಾವುದು ಸುಳ್ಳು ಎಂದು ಯಾರೂ ಅವನ ಕಿವಿ ಹಿಂಡಿ ಹೇಳಿಕೊಟ್ಟಿರುವುದಿಲ್ಲ. ನಾನು ಮೂರನೆಯ ತರಗತಿಗೇ ಸ್ಲೇಟು ಕೆಳಗಿಟ್ಟವನು. ಅಂಥವನು ಹೊಳಲ್ಕೆರೆಯಲ್ಲಿ ಮೊದಲ ಚಹಾದಂಗಡಿ ಇಟ್ಟೆ; ಚಹಾದ ಚರಿತ್ರಕಾರನೆಂದೂ ಹೆಸರು ಪಡೆದೆ. ಅಂಗಡಿಯ ಬಗ್ಗೆ ನನಗೆ ಈಗಲೂ ಹೆಮ್ಮೆಯಿದೆ. ಕೋಳಿ ಕೂಗುವ ಮೊದಲೇ ಒಲೆ ಹಚ್ಚಿ, ದೀಪ ಹಚ್ಚುವವರೆಗೂ ನಿಂತ ಕಾಲಲ್ಲೇ ದುಡಿದಿದ್ದೇನೆ. ಚರಿತ್ರೆಯ ವಿಷಯ ಬೇರೆ. ಅದನ್ನು ನೆನೆದರೆ ಕತ್ತು ತಾನಾಗಿ ತಗ್ಗುತ್ತದೆ.

ಆಗ ನಮ್ಮ ಕಡೆ ಚಹಾ ಎಂದರೆ ಔಷಧಿಯೋ, ಬಟ್ಟೆಗೆ ಬಣ್ಣ ಹಾಕುವ ಸೊಪ್ಪೋ ಯಾರಿಗೂ ತಿಳಿಯದು. ರೈಲಿನಲ್ಲಿ ಬಂದ ಕಂಪನಿಯವನೊಬ್ಬ ಸಂತೆಯಲ್ಲಿ ಪುಕ್ಕಟೆ ಚಹಾ ಹಂಚಿ, ನನಗೊಂದು ಡಬ್ಬಿ ಪುಡಿ ಕೊಟ್ಟು, ಕಾಸುವುದನ್ನು ಕಲಿಸಿ ಹೋದ. ಪುಕ್ಕಟೆ ಇದ್ದಾಗ ಮುಗಿಬಿದ್ದ ಜನ, ನಾನು ಒಲೆ ಹೂಡಿದ ಮೇಲೆ ದೂರದಿಂದಲೇ ಮೂಸಿ ಹೋಗತೊಡಗಿದರು. "ಬಿಸಿನೀರಿಗೆ ದುಡ್ಡು ಕೊಡಾಕೆ ನಮಗೇನು ಹುಚ್ಚು ಹಿಡಿದೈತಾ?" ಎಂದ ತಾಳ್ಯದ ರೈತನೊಬ್ಬ. ಪುಡಿ ಮಾರಲಾಗದಾಗ ನಾನು ಕತೆ ಮಾರಲು ಹೊರಟೆ.

ಕುರಿ ಕಾಯುವವರು ಬಂದರೆ, ಚಹಾ ಗಿಡವನ್ನು ಮೊದಲು ಕಂಡವನು ಚೀನಾ ದೇಶದ ಒಬ್ಬ ಕುರುಬ. ಅಡಿಕೆ ವ್ಯಾಪಾರಿಗಳು ಬಂದರೆ ಅವನೇ ವರ್ತಕ. ಒಂದು ದಿನ ಎರಡೂ ಕಡೆಯವರು ಒಟ್ಟಿಗೆ ಬಂದು ಕೂತುಬಿಟ್ಟರು. ಚೀನಾದಲ್ಲೂ ಕುರುಬ, ವರ್ತಕ ಇಬ್ಬರನ್ನೂ ಜೊತೆಯಾಗಿಯೇ ಕಾಡಿಗೆ ಕಳಿಸಬೇಕಾಯಿತು. ದುರ್ಗದ ಕೋಟೆಯ ಕಾವಲುಗಾರರು ತೂಕಡಿಸದೆ ಇದ್ದದ್ದೂ ಚಹಾದ ಬಲದಿಂದಲೇ ಎಂದೆ. ಶಾಲೆಯ ಮೇಷ್ಟ್ರೊಬ್ಬರು ಹುಬ್ಬೇರಿಸಿ, "ಇದು ಯಾವ ಪುಸ್ತಕದಾಗೈತಪ್ಪ?" ಎಂದರು. "ಇನ್ನೂ ಪುಸ್ತಕಕ್ಕೆ ಇಳಿದಿಲ್ಲ ಮೇಷ್ಟ್ರೇ, ಬಿಸಿ ಐತೆ, ಆರಲಿ" ಎಂದೆ. ಅವರು ನಕ್ಕು ಒಂದು ಲೋಟ ಕುಡಿದೇ ಹೋದರು.

ಆದರೂ ಬೇಸಿಗೆ ಬಂತೆಂದರೆ ನನ್ನ ಒಲೆ ತಣ್ಣಗೆ. ಕಾರಣ, ನಮ್ಮ ದೊಡ್ಡಪ್ಪ. ಅಪ್ಪ ಸತ್ತ ಮೇಲೆ ನನ್ನನ್ನು ಸಾಕಿದವರು ಅವರೇ. ದುರ್ಗದ ದಾರಿಯ ಹುಣಸೆಮರದಡಿ ಮೂವತ್ತು ಬೇಸಿಗೆ ತಪ್ಪದೆ ಅರವಟ್ಟಿಗೆ ಇಟ್ಟವರು. ಒಂದು ಚಪ್ಪರ, ಹಸಿ ಮರಳಿನ ಮೇಲೆ ಮೂರು ಗುಡಾಣ, ಅವುಗಳ ತುಂಬ ಶುಂಠಿ ಜಜ್ಜಿ ಹಾಕಿದ ನೀರುಮಜ್ಜಿಗೆ. ದಾರಿಹೋಕರಿಗೆಲ್ಲ ಧರ್ಮಕ್ಕೆ. ಮಟಮಟ ಮಧ್ಯಾಹ್ನ ಅದನ್ನು ದಾಟಿ ಕುದಿಯುವ ಚಹಾಕ್ಕೆ ಯಾವನು ಬರುತ್ತಾನೆ?

ಹಾಗಾಗಿ ನನ್ನ ಚರಿತ್ರೆಗೆ ಇನ್ನೊಂದು ಅಧ್ಯಾಯ ಸೇರಿಸಿದೆ. ಬಿಸಿಲಲ್ಲಿ ನಡೆದು ಬಂದವನು ಮಜ್ಜಿಗೆ ಕುಡಿದರೆ ಕಾವು ಒಳಗೇ ಸಿಕ್ಕಿಕೊಂಡು ಚಳಿಜ್ವರವಾಗುತ್ತದೆ. ಇದನ್ನು ಕಂಡೇ ಚೀನಾದವರು ಮಜ್ಜಿಗೆ ಬಿಟ್ಟು ಚಹಾ ಹಿಡಿದರು! ಚೀನಾದವರು ಮಜ್ಜಿಗೆ ಕಡೆಯುತ್ತಾರೋ ಇಲ್ಲವೋ ದೇವರಿಗೇ ಗೊತ್ತು. ಆ ಬೇಸಿಗೆ ಊರಲ್ಲಿ ಜ್ವರವೂ ಇತ್ತು. ಯಾವ ಬೇಸಿಗೆಯಲ್ಲಿ ಇರಲಿಲ್ಲ? ಜನ ನಂಬಿದರು.

ಒಂದು ಮಧ್ಯಾಹ್ನ ಅಂಗಡಿ ತುಂಬಿರುವಾಗ ದೊಡ್ಡಪ್ಪ ಬಂದರು. ಬೈಯಲು ಬಂದರೆಂದು ಉತ್ತರ ಸಿದ್ಧಮಾಡಿಕೊಂಡೇ, "ಬರ್ರಿ ದೊಡ್ಡಪ್ಪ, ಕುಂತ್ಕಳ್ರಿ" ಎಂದೆ.

"ಕುಂತ್ಕಳಾಕೆ ಬಂದಿಲ್ಲ. ಲೇ ರುದ್ರಾ, ನೀನು ನಾಕು ಜನರ ಹತ್ರ ತಿಳ್ಕಂಡವನು, ನಿಜ ಹೇಳು. ಮಜ್ಜಿಗೆಯಿಂದ ಜ್ವರ ಬರ್ತೈತಾ? ಕರಿಯಪ್ಪನ ಸೊಸೆ ಹೋದ ವರ್ಷ ನನ್ನ ಕೈಯಾಗೇ ಎರಡು ಲೋಟ ಇಸ್ಕಂಡು ಕುಡಿದ್ಲು. ಎಂಟು ದಿನಕ್ಕೆ ಜ್ವರದಾಗೆ ತೀರ್ಕಂಡ್ಲು. ನಾನು ಕೊಟ್ಟಿದ್ರಿಂದಾನಾ?"

ನಾನು ಸಿದ್ಧಮಾಡಿಕೊಂಡಿದ್ದದ್ದು ಬೈಗುಳಕ್ಕೆ ಉತ್ತರ. ಹತ್ತು ಹನ್ನೆರಡು ಜನ ಲೋಟ ಇಳಿಸಿ ನನ್ನ ಮುಖ ನೋಡುತ್ತಿದ್ದರು. ಅದು ನಾನು ಕಟ್ಟಿದ ಕತೆ ಎಂದಿದ್ದರೆ ಸಾಕಿತ್ತು. ಆದರೆ ಹಾಗೆಂದರೆ ಚೀನಾದ ಕುರುಬನೂ ಕೋಟೆಯ ಕಾವಲುಗಾರರೂ ಅಲ್ಲೇ ಸಾಯುತ್ತಿದ್ದರು. ಅವರ ಹಿಂದೆ ನನ್ನ ಮಾನವೂ. "ಚರಿತ್ರೆಯಾಗೆ ಹಂಗೈತೆ ದೊಡ್ಡಪ್ಪ" ಎಂದೆ. ಅವರು ತಲೆಯಾಡಿಸಿ ಹೋದರು. ಸಂಜೆ ನೋಡಿದರೆ ಹುಣಸೆಮರದಡಿ ಮೂರೂ ಗುಡಾಣ ಬೋರಲು ಬಿದ್ದಿದ್ದವು.

ವ್ಯಾಪಾರವೇನೋ ಏರಿತು. ಬಂದವರೆಲ್ಲ ಚಹಾದ ಜೊತೆಗೆ, "ಪಾಪ, ಮುದುಕಪ್ಪ ಊಟ ಬಿಟ್ಟಾನಂತೆ" ಎಂದು ಸುದ್ದಿ ಹೇಳುತ್ತಿದ್ದರು. ಎಂಟು ದಿನ ತಡೆದೆ. ಒಂಬತ್ತನೆಯ ದಿನ ಉರಿಬಿಸಿಲಲ್ಲೇ ಅವರ ಮನೆಗೆ ನಡೆದು, ಜಗುಲಿಯ ಮೇಲೆ ಕೂತು ಎಲ್ಲ ಒಪ್ಪಿಸಿದೆ. "ಎಲ್ಲಾ ಸುಳ್ಳು ದೊಡ್ಡಪ್ಪ. ಚೀನಾ ಯಾವ ದಿಕ್ಕಿಗೈತೋ ನಂಗೊತ್ತಿಲ್ಲ."

ದೊಡ್ಡಪ್ಪ ಪೂರ್ತಿ ಕೇಳಿ ನನ್ನ ಬೆನ್ನು ಸವರಿದರು. "ನನ್ನ ಮನಸು ನೋಯಬಾರ್ದು ಅಂತ ಈ ಬಿಸಿಲಾಗೆ ಬಂದು ಸುಳ್ಳು ಹೇಳ್ತೀಯ. ನಿಮ್ಮಪ್ಪನೂ ಹಿಂಗೇ, ಮೆತ್ತಗಿನ ಮನಸು."

ನನ್ನ ಸುಳ್ಳಿಗೆ ಕುರಿ, ಕೋಟೆ, ಪರದೇಶ ಎಲ್ಲ ಇತ್ತು. ನಿಜಕ್ಕೆ ಏನೂ ಇರಲಿಲ್ಲ. ಕೊನೆಗೆ, "ಹಂಗಾದ್ರೆ ಒಂದು ಚೊಂಬು ಮಜ್ಜಿಗೆ ಕೊಡ್ರಿ. ನಿಮ್ಮೆದುರಿಗೇ ಕುಡೀತೀನಿ, ಏನಾಗ್ತೈತೆ ನೋಡಾಣ" ಎಂದೆ. ದೊಡ್ಡಪ್ಪ ಗಾಬರಿಯಿಂದ ಒಳಗೆ ಕೂಗಿದರು: "ಲೇ ಇವಳೇ, ಹುಡುಗ ಬಿಸಿಲಾಗೆ ಬಂದಾನೆ, ಮಜ್ಜಿಗೆ ಗಿಜ್ಜಿಗೆ ಕೊಟ್ಟೀಯ! ಒಂದಿಷ್ಟು ಚಾ ಕಾಸು."

ನನ್ನ ಅಂಗಡಿಯಿಂದಲೇ ಯಾರ ಕೈಯಲ್ಲೋ ತರಿಸಿದ್ದ ಪುಡಿ. ದೊಡ್ಡಮ್ಮ ಅದನ್ನು ಕಷಾಯದಂತೆ ಬತ್ತಿಸಿ, ಮೆಣಸು ಹಾಕಿ, ಮೇಲೊಂದು ಚಿಟಿಕೆ ಉಪ್ಪನ್ನೂ ಉದುರಿಸಿದ್ದರು. ಗುಟುಕು ಗಂಟಲಲ್ಲಿ ಇಳಿಯದು. ಇಬ್ಬರೂ ನನ್ನ ಬಾಯನ್ನೇ ನೋಡುತ್ತ ಕೂತಿದ್ದರು.

"ಹೆಂಗೈತಪ್ಪ? ತಿಳಿದವನು, ನೀನೇ ಹೇಳ್ಬೇಕು."

"ಚೆನ್ನಾಗೈತೆ ದೊಡ್ಡಪ್ಪ" ಎಂದೆ. ಆವತ್ತು ನಾನು ಆಡಿದ್ದರಲ್ಲಿ ಅದೊಂದನ್ನು ನಂಬಿ, ಅವರು ಇನ್ನೊಂದು ಲೋಟ ಬಗ್ಗಿಸಿದರು.